670ರಲ್ಲಿ ಕಬ್ಸ್, 1120ರಲ್ಲಿ ಕಾರ್ಡಿನಲ್ಸ್: ರೇಡಿಯೋದಲ್ಲಿ ಬೇಸ್‌ಬಾಲ್ ಹುಡುಕಿದ ನನ್ನ ಅನುಭವ

ನಮ್ಮ ಮನೆ ಇಲಿನಾಯ್ ರಾಜ್ಯದ ಪಿಯೋರಿಯಾದಲ್ಲಿ, ಕೆಲಸ ಬ್ಲೂಮಿಂಗ್ಟನ್‌ನಲ್ಲಿ. ನಡುವೆ ಸುಮಾರು 40 ಮೈಲಿ. ಐ-74 ಹಿಡಿದು ಹೊರಟರೆ ಎರಡೂ ಬದಿಗೆ ಮೆಕ್ಕೆಜೋಳ, ಸೋಯಾ, ಮತ್ತೆ ಮೆಕ್ಕೆಜೋಳ. ನನಗೆ ಬೇಸ್‌ಬಾಲ್ ಹುಚ್ಚು ಹಿಡಿದದ್ದು ಈ ದಾರಿಯಲ್ಲೇ, ಸಂಜೆ ಮನೆಗೆ ಬರುವಾಗ, ಕಾರಿನ ರೇಡಿಯೋದಿಂದ. ಕ್ರಿಕೆಟ್ ಕಾಮೆಂಟರಿ ಕೇಳಿ ಬೆಳೆದವರಿಗೆ ಈ ಆಟ ಕಣ್ಣಿಗಿಂತ ಕಿವಿಗೆ ಬೇಗ ಹತ್ತಿರವಾಗುತ್ತದೆ ಅನ್ನುವುದು ನನ್ನ ನಂಬಿಕೆ. ಹೊಸದಾಗಿ ಬಂದ ಗೆಳೆಯರು ಆಗಾಗ ಕೇಳುತ್ತಾರೆ, "ಎಲ್ಲಿ ಬರುತ್ತೆ? ಹೇಗೆ ಹಿಡೀತೀಯಾ?" ಅಂತ. ಅವರಿಗೆ ಬಾಯಲ್ಲಿ ಹೇಳಿದ್ದನ್ನೇ ಇಲ್ಲಿ ಬರೆಯುತ್ತಿದ್ದೇನೆ.

ಶುರುವಿನಲ್ಲಿ ನಾನೂ ಎಲ್ಲರಂತೆ ಫೋನಿನಲ್ಲೇ ಹುಡುಕಿದೆ. ಒಂದು ಸ್ಟೇಷನ್‌ನ ವೆಬ್‌ಸೈಟ್ ಸಿಕ್ಕಿತು, ಪ್ಲೇ ಒತ್ತಿದೆ. ಆಟ ಶುರುವಾಗುವ ಹೊತ್ತಿಗೆ ಸರಿಯಾಗಿ ಅಲ್ಲಿ ಬೇರೆ ಯಾವುದೋ ಹರಟೆ ಕಾರ್ಯಕ್ರಮ ಬಂತು. ಗಾಳಿಯಲ್ಲಿ ಬಿಡುವ ಹಕ್ಕೇ ಬೇರೆ, ಇಂಟರ್ನೆಟ್‌ನಲ್ಲಿ ಬಿಡುವ ಹಕ್ಕೇ ಬೇರೆ ಅಂತ ಆಮೇಲೆ ಗೊತ್ತಾಯಿತು. ಅದೇ ಹೊತ್ತಿಗೆ ಕಾರಿಗೆ ಹೋಗಿ ಎಎಂನಲ್ಲಿ, ಅಂದರೆ ನಮ್ಮ ಮೀಡಿಯಂ ವೇವ್‌ನಲ್ಲಿ, ಆ ಸ್ಟೇಷನ್‌ನ ನಂಬರಿಗೆ ತಿರುಗಿಸಿದರೆ ಆಟ ಬರುತ್ತಲೇ ಇತ್ತು. ಪುಕ್ಕಟೆ, ಲಾಗಿನ್ ಇಲ್ಲ, ಏನೂ ಇಲ್ಲ.

ಹುಡುಕುವ ಮೊದಲು ಒಂದು ವಿಷಯ ತಿಳಿದಿರಬೇಕು. ಇಲ್ಲಿಯ ಅತಿ ದೊಡ್ಡ ಬೇಸ್‌ಬಾಲ್ ಪಂದ್ಯಾವಳಿ ಮೇಜರ್ ಲೀಗ್‌ನಲ್ಲಿ 30 ತಂಡ, ಒಂದೊಂದು ತಂಡಕ್ಕೂ ವರ್ಷಕ್ಕೆ 162 ಆಟ. ನಮ್ಮ ಆಕಾಶವಾಣಿಯಲ್ಲಿ ದೇಶಕ್ಕೆಲ್ಲ ಒಂದೇ ಕಾಮೆಂಟರಿ ಬರುತ್ತಿತ್ತಲ್ಲ, ಇಲ್ಲಿ ಹಾಗಲ್ಲ. ಪ್ರತಿ ತಂಡಕ್ಕೂ ತನ್ನದೇ ಕಾಮೆಂಟೇಟರ್‌ಗಳು, ತನ್ನದೇ ದೊಡ್ಡ ಸ್ಟೇಷನ್. ಅದಕ್ಕೆ ಫ್ಲ್ಯಾಗ್‌ಶಿಪ್ ಅನ್ನುತ್ತಾರೆ. ಅದರಿಂದ ಆಟವನ್ನು ಪಡೆದು ತಮ್ಮ ಊರಿಗೆ ಬಿಡುವ ಸಣ್ಣ ಸ್ಟೇಷನ್‌ಗಳು ಅಫಿಲಿಯೇಟ್. ಸೇಂಟ್ ಲೂಯಿಸ್‌ನ ತಂಡ ಕಾರ್ಡಿನಲ್ಸ್‌ಗೆ ಇಂಥವು ಹಲವು ರಾಜ್ಯಗಳಲ್ಲಿ ಹರಡಿಕೊಂಡಿವೆ. ತಂಡದ ವೆಬ್‌ಸೈಟಿನಲ್ಲಿ ರೇಡಿಯೋ ಅಫಿಲಿಯೇಟ್ಸ್ ಅನ್ನುವ ಪುಟ ಇರುತ್ತದೆ. ಊರು, ಸ್ಟೇಷನ್, ನಂಬರು ಎಲ್ಲ ಅಲ್ಲೇ. ನಾನು ಮೊದಲು ಅದನ್ನು ನೋಡಿ ನಮ್ಮ ಸುತ್ತಿನ ನಂಬರುಗಳನ್ನು ಒಂದು ಸಣ್ಣ ನೋಟ್‌ಬುಕ್‌ನಲ್ಲಿ ಬರೆದುಕೊಂಡೆ. ಪ್ರತಿ ವರ್ಷ ಏಪ್ರಿಲ್ ಬರುವ ಮುಂಚೆ ಮತ್ತೆ ನೋಡಿ ತಿದ್ದುತ್ತೇನೆ. ತಿದ್ದಲೇಬೇಕು. ಚಿಕಾಗೊದ ತಂಡ ಕಬ್ಸ್‌ನ ಆಟ ಅಂದರೆ 720ರ ಡಬ್ಲ್ಯುಜಿಎನ್ ಸ್ಟೇಷನ್ ಅಂತ ತಲೆಮಾರುಗಳ ಬಾಯಲ್ಲಿ ಇತ್ತು. 2014 ಮುಗಿದ ಮೇಲೆ ಅದು 780ಕ್ಕೆ ಹೋಯಿತು, 2016ರಿಂದ 670ಕ್ಕೆ ಬಂತು. ಹಳೇ ಪಟ್ಟಿ ಹಿಡಿದು ಕೂತರೆ ಸುಮ್ನೆ ಸಂಜೆ ಹಾಳು.

ಸಣ್ಣ ಎಫ್‌ಎಂ ಅಫಿಲಿಯೇಟ್ ಸಿಕ್ಕಿದರೆ ಸದ್ದು ಸ್ವಚ್ಛ, ತಲೆನೋವಿಲ್ಲ. ಆದರೆ ಅದನ್ನೇ ನಂಬಿ ಕೂರಬೇಡಿ. ನಾನು ಕೇಳುತ್ತಿದ್ದ ಒಂದು ಸ್ಟೇಷನ್ ಸೆಪ್ಟೆಂಬರಿನ ಒಂದು ಶುಕ್ರವಾರ ರಾತ್ರಿ, ತಂಡ ಪ್ಲೇಆಫ್‌ಗೆ, ಅಂದರೆ ಕೊನೆಯ ನಾಕೌಟ್ ಸುತ್ತಿಗೆ, ಹೋಗುತ್ತದೋ ಇಲ್ಲವೋ ಅನ್ನುವ ಆಟದ ಹೊತ್ತಿಗೆ, ಊರಿನ ಹೈಸ್ಕೂಲ್ ಫುಟ್‌ಬಾಲ್ ಹಾಕಿಬಿಟ್ಟಿತು. ಊರಿನವರಿಗೆ ಅವರ ಮಕ್ಕಳ ಆಟವೇ ಮುಖ್ಯ, ಅದು ಸರಿಯೇ. ಅವತ್ತಿನಿಂದ ನಾನು ದೊಡ್ಡ ಎಎಂ ಸ್ಟೇಷನ್ ಹಿಡಿಯುವುದನ್ನು ಗಂಭೀರವಾಗಿ ಕಲಿತೆ.

ಪಿಯೋರಿಯಾದ ಭಾಗ್ಯ ಅಂದರೆ, ನಾವು ಚಿಕಾಗೊ ಮತ್ತು ಸೇಂಟ್ ಲೂಯಿಸ್ ಎರಡರ ನಡುವೆ ಇದ್ದೇವೆ. ಆಫೀಸಿನಲ್ಲಿ ಅರ್ಧ ಜನ ಕಬ್ಸ್, ಅರ್ಧ ಜನ ಕಾರ್ಡಿನಲ್ಸ್. ಗಂಡ ಒಂದು ಕಡೆ, ಹೆಂಡತಿ ಒಂದು ಕಡೆ ಇರುವ ಮನೆಗಳೂ ಇವೆ. ಚಿಕಾಗೊದ 670, ಸೇಂಟ್ ಲೂಯಿಸ್‌ನ 1120 ಕೆಎಂಓಎಕ್ಸ್, ಎರಡೂ 50,000 ವ್ಯಾಟ್ ಸ್ಟೇಷನ್. ಇಲ್ಲಿಯ ನೆಲ ಬಯಲು. ಹಗಲು ಹೊತ್ತಿನಲ್ಲಿ ಎರಡೂ ಕಾರಿನಲ್ಲಿ ಚೆನ್ನಾಗಿ ಕೇಳಿಸುತ್ತವೆ. ಕಬ್ಸ್ ತಮ್ಮ ಮೈದಾನ ರಿಗ್ಲಿ ಫೀಲ್ಡ್‌ನಲ್ಲಿ ಮಧ್ಯಾಹ್ನದ ಆಟ ಜಾಸ್ತಿ ಆಡುತ್ತಾರೆ. 1988ರವರೆಗೆ ಅಲ್ಲಿ ದೀಪವೇ ಇರಲಿಲ್ಲ ನೋಡಿ. ಊಟದ ಹೊತ್ತಿಗೆ ಕಾರಿನಲ್ಲಿ ಕೂತು ಡಬ್ಬಿ ಬಿಚ್ಚಿ, ಆಟದ ಒಂಬತ್ತು ಇನಿಂಗ್ಸ್‌ನಲ್ಲಿ ಮೊದಲ ಎರಡನ್ನು ಕೇಳುವುದು ನನಗೆ ಅಭ್ಯಾಸವಾಗಿದೆ.

ವಿಚಿತ್ರ ಶುರುವಾಗುವುದು ಸೂರ್ಯ ಮುಳುಗಿದ ಮೇಲೆ. ಹಗಲಿನಲ್ಲಿ ಮೀಡಿಯಂ ವೇವ್ ಅಲೆ ನೆಲ ಹಿಡಿದು ಬರುತ್ತದೆ. ಮೇಲಕ್ಕೆ ಹೋದದ್ದನ್ನು ವಾತಾವರಣದ ಮೇಲ್ಭಾಗದ ಅಯಾನುಗೋಳದ ಕೆಳಗಿನ ಪದರ ನುಂಗಿಬಿಡುತ್ತದೆ. ರಾತ್ರಿ ಆ ಪದರ ಕರಗುತ್ತದೆ, ಆಗ ಅಲೆ ಇನ್ನೂ ಮೇಲಿನ ಪದರಕ್ಕೆ ತಾಗಿ ನೂರಾರು ಮೈಲಿ ದೂರಕ್ಕೆ ಬಂದು ಇಳಿಯುತ್ತದೆ. ಚಿಕ್ಕಂದಿನಲ್ಲಿ ರಾತ್ರಿ ಹೊತ್ತು ಶ್ರೀಲಂಕಾ, ಮದ್ರಾಸು ಎಲ್ಲ ಕೇಳಿಸುತ್ತಿದ್ದದ್ದು ಹೀಗೇ ಅಲ್ವಾ. ಇಲ್ಲೂ ರಾತ್ರಿ ಸಿನ್ಸಿನಾಟಿಯ 700ರಲ್ಲಿ ರೆಡ್ಸ್, ಕ್ಲೀವ್‌ಲ್ಯಾಂಡ್‌ನ 1100ರಲ್ಲಿ ಗಾರ್ಡಿಯನ್ಸ್, ಗಾಳಿ ಒಲಿದ ದಿನ ಡೆನ್ವರ್‌ನ 850ರಲ್ಲಿ ರಾಕೀಸ್ ಬರುತ್ತದೆ. ಆ 700ರ ಸ್ಟೇಷನ್ 1934ರಿಂದ 1939ರವರೆಗೆ 5,00,000 ವ್ಯಾಟ್‌ನಲ್ಲಿ ಬಿಡುತ್ತಿತ್ತು. ಈಗಿನದರ ಹತ್ತು ಪಟ್ಟು!

ಆದರೆ ನಮ್ಮಷ್ಟು ದೂರದಲ್ಲಿ ಇರುವವರಿಗೆ ಒಂದು ತೊಂದರೆ ಇದೆ, ಇದನ್ನು ಯಾರೂ ಮೊದಲೇ ಹೇಳುವುದಿಲ್ಲ. ಹಗಲು ಚೆನ್ನಾಗಿ ಬರುತ್ತಿದ್ದ 1120 ರಾತ್ರಿ ಇನ್ನೂ ಚೆನ್ನಾಗಿ ಬರಬೇಕು ಅಂತ ನಾನು ಅಂದುಕೊಂಡಿದ್ದೆ. ಉಲ್ಟಾ ಆಯಿತು. ನೆಲದ ಅಲೆ, ಆಕಾಶದ ಅಲೆ ಎರಡೂ ಒಟ್ಟಿಗೆ ಬಂದು ಒಂದನ್ನೊಂದು ಅಳಿಸುತ್ತವೆ. ದನಿ ಉಬ್ಬುತ್ತದೆ, ತಗ್ಗುತ್ತದೆ, ನೀರಿನೊಳಗಿಂದ ಮಾತಾಡಿದ ಹಾಗಾಗುತ್ತದೆ. ಚೆಂಡು ಮೇಲಕ್ಕೆ ಹೋಯಿತು ಅನ್ನುವವರೆಗೆ ಕೇಳಿಸಿ, ಅದನ್ನು ಹಿಡಿದರೋ ಬಿಟ್ಟರೋ ಗೊತ್ತಾಗುವ ಮೊದಲೇ ದನಿ ಮುಳುಗಿಹೋಗುತ್ತದೆ. ಅಂಥ ಹೊತ್ತಿನಲ್ಲಿ ಸ್ಟೇಷನ್ ಬದಲಿಸಬೇಡಿ, ಅರ್ಧ ನಿಮಿಷ ತಾಳಿ, ವಾಪಸ್ ಬರುತ್ತದೆ. ಇನ್ನೊಂದು, ಜೂನ್‌ನಲ್ಲಿ ಇಲ್ಲಿ ಸೂರ್ಯ ಮುಳುಗುವುದೇ ಎಂಟೂವರೆಗೆ. ಅಷ್ಟರಲ್ಲಿ ಆರನೇ ಇನಿಂಗ್ಸ್. ದೂರದ ಸ್ಟೇಷನ್ ಹುಡುಕಬೇಕು ಅಂದರೆ ಸೆಪ್ಟೆಂಬರ್ ಒಳ್ಳೆಯದು, ಏಳು ಗಂಟೆ ಸುಮಾರಿಗೇ ಸೂರ್ಯ ಮುಳುಗುತ್ತಾನೆ.

ಅಪ್ಪ ಬಂದದ್ದು ಒಂದು ಮೇ ತಿಂಗಳಲ್ಲಿ. ನಮ್ಮದು ಭದ್ರಾವತಿ ಕಡೆ. ಅವರ ಬ್ಯಾಗಿನಲ್ಲಿ ಔಷಧಿ ಡಬ್ಬಿ, ಉಪ್ಪಿನಕಾಯಿ ಜೊತೆ ಒಂದು ಸಣ್ಣ ಡಿಜಿಟಲ್ ರೇಡಿಯೋ. ರೇಡಿಯೋ ಇಲ್ಲದೆ ಅವರಿಗೆ ಬೆಳಗಾಗುವುದಿಲ್ಲ. ಮಾರನೇ ದಿನ ಹಿಂದಿನ ವರಾಂಡದಲ್ಲಿ ಕೂತು ನಾನು ಹೇಳಿದ 670 ಹಿಡಿಯಲು ನೋಡಿದರು. ಸ್ವಲ್ಪ ಹೊತ್ತಾದ ಮೇಲೆ ಕೂಗಿದರು.

"ಏನೋ ಇದು, 666 ಆದ್ಮೇಲೆ 675ಕ್ಕೇ ಹಾರುತ್ತಲ್ಲೋ. ನಿಮ್ಮ 670 ಬರೋದೇ ಇಲ್ಲ."

ಬಗ್ಗಿ ನೋಡಿದೆ. ಹೌದು, ಗುಂಡಿ ಒತ್ತಿದ ಹಾಗೆಲ್ಲ ಒಂಬತ್ತೊಂಬತ್ತು ಹೆಜ್ಜೆ. ಭಾರತದಲ್ಲಿ ಮೀಡಿಯಂ ವೇವ್ ಸ್ಟೇಷನ್‌ಗಳ ನಡುವಿನ ಅಂತರ 9 ಕಿಲೋಹರ್ಟ್ಸ್. ಬೆಂಗಳೂರು 612, ಭದ್ರಾವತಿ 675, ಧಾರವಾಡ 765, ಬೇಕಾದರೆ ಒಂಬತ್ತರಿಂದ ಭಾಗಿಸಿ ನೋಡಿ. ಅಮೆರಿಕದಲ್ಲಿ ಹತ್ತು ಹತ್ತರ ಅಂತರ. 670ನ್ನೂ ಅದು ಹಿಡಿಯದು, 1120ನ್ನೂ ಹಿಡಿಯದು. 1116 ಆದ ಮೇಲೆ 1125.

"ಅಪ್ಪ, ಇಲ್ಲಿ ಹತ್ತತ್ತಕ್ಕೆ ಹೋಗ್ಬೇಕು. ಕೊಡಿ ಇಲ್ಲಿ, ಒಳಗೆ ಎಲ್ಲಾದ್ರೂ ಸ್ವಿಚ್ ಇರುತ್ತೆ."

ಬ್ಯಾಟರಿ ಮುಚ್ಚಳ ತೆಗೆದರೆ ಒಳಗೆ ಉಗುರಿನ ತುದಿಯಷ್ಟು ಸ್ವಿಚ್, ಪಕ್ಕದಲ್ಲಿ 9, 10 ಅಂತ ಇರುವೆಯಷ್ಟು ಸಣ್ಣ ಅಕ್ಷರ. ಪಿನ್ನಿನಿಂದ 10ರ ಕಡೆಗೆ ತಳ್ಳಿದೆ. 670 ಬಂತು, ಜನರ ಗದ್ದಲ ಬಂತು. ಅಪ್ಪನಿಗೆ ಏನು ಖುಷಿ! "ನಮ್ಮ ಭದ್ರಾವತಿ ಪಕ್ಕದಲ್ಲೇ ಇದ್ಯಲ್ಲೋ ಇದು" ಅಂದರು. ಜೀವಮಾನವೆಲ್ಲ ಅವರ ಮುಳ್ಳು ನಿಂತಿದ್ದು 675ರಲ್ಲಿ. ಊರಿನಿಂದ ಡಿಜಿಟಲ್ ರೇಡಿಯೋ ತರುವವರು ಈ ಸ್ವಿಚ್ ಇದೆಯೋ, ಇಲ್ಲಾ ಸೆಟ್ಟಿಂಗ್‌ನಲ್ಲಿ ಬದಲಿಸಲು ಬರುತ್ತದೋ ನೋಡಿಕೊಂಡು ತನ್ನಿ. ಮುಳ್ಳು ತಿರುಗಿಸುವ ಹಳೇ ಟ್ರಾನ್ಸಿಸ್ಟರ್ ಆದರೆ ಚಿಂತೆಯೇ ಇಲ್ಲ.

ಮನೆಯೊಳಗೆ ಕೊರಕೊರ ಸದ್ದು ಜಾಸ್ತಿ. ಅಪ್ಪ ಮತ್ತು ನಾನು ಒಂದು ಭಾನುವಾರ ಒಂದೊಂದೇ ಪ್ಲಗ್ ಕಿತ್ತು ನೋಡಿದೆವು. ಅಡುಗೆಮನೆಯ ಎಲ್‌ಇಡಿ ದೀಪ, ಲ್ಯಾಪ್‌ಟಾಪ್ ಚಾರ್ಜರ್, ಇವೆರಡೇ ಮುಖ್ಯ ಕಳ್ಳರು. ಅವನ್ನು ಆರಿಸಿದರೆ ಅರ್ಧ ಸದ್ದು ಹೋಯಿತು. ಉಳಿದದ್ದು ರೇಡಿಯೋ ತಿರುಗಿಸಿ ಸರಿ ಮಾಡುವುದು. ಇಂಥ ಸಣ್ಣ ರೇಡಿಯೋದಲ್ಲಿ ಎಎಂಗೆ ಎಳೆದು ಉದ್ದ ಮಾಡುವ ಏರಿಯಲ್ ಕೆಲಸ ಮಾಡುವುದಿಲ್ಲ, ಒಳಗೆ ತಂತಿ ಸುತ್ತಿದ ಫೆರೈಟ್ ಕಡ್ಡಿ ಇರುತ್ತದೆ, ಸಾಮಾನ್ಯವಾಗಿ ರೇಡಿಯೋದ ಅಗಲಕ್ಕೆ. ಆ ಕಡ್ಡಿಯ ತುದಿ ಸ್ಟೇಷನ್ ಕಡೆ ನೋಡಿದರೆ ದನಿ ಸಾಯುತ್ತದೆ, ಪಕ್ಕ ನೋಡಿದರೆ ಏಳುತ್ತದೆ. ನಮ್ಮ ಮನೆಯಲ್ಲಿ ಸೇಂಟ್ ಲೂಯಿಸ್ ದಕ್ಷಿಣಕ್ಕೆ, ಚಿಕಾಗೊ ಈಶಾನ್ಯಕ್ಕೆ. ಅಪ್ಪ ಕಿಟಕಿಯ ಕಟ್ಟೆ ಮೇಲೆ ಪೆನ್ಸಿಲಿನಲ್ಲಿ ಎರಡು ಗೆರೆ ಹಾಕಿಟ್ಟರು, ರೇಡಿಯೋ ಹೇಗಿಡಬೇಕು ಅಂತ. ಆ ಗೆರೆ ಈಗಲೂ ಇದೆ. ನಾನು ಅಳಿಸಿಲ್ಲ.

ಕಾರಿನ ರೇಡಿಯೋ ಮಾತ್ರ ಎಎಂಗೆ ಎಲ್ಲಕ್ಕಿಂತ ಉತ್ತಮ. ಸೇತುವೆ ಕೆಳಗೆ, ದೊಡ್ಡ ವಿದ್ಯುತ್ ತಂತಿ ಹತ್ತಿರ ಒಂದು ಕ್ಷಣ ಹೋಗುತ್ತದೆ, ಅಷ್ಟೇ. ಹೊಸ ಎಲೆಕ್ಟ್ರಿಕ್ ಕಾರುಗಳಲ್ಲಿ ಕೆಲವಕ್ಕೆ ಎಎಂ ಇರುವುದೇ ಇಲ್ಲ, ಮೋಟಾರಿನ ವಿದ್ಯುತ್ ಗದ್ದಲ ರೇಡಿಯೋಗೆ ಅಡ್ಡ ಬರುತ್ತದೆ ಅಂತ ತೆಗೆದಿರುತ್ತಾರೆ. ಕೊಳ್ಳುವ ಮುಂಚೆ ಒಮ್ಮೆ ನೋಡಿ.

ಇಷ್ಟೆಲ್ಲ ಕಷ್ಟ ಯಾಕೆ, ಟೀವಿ ಇಲ್ವಾ ಅಂತ ಕೇಳುವವರಿಗೆ ಒಂದು ಮಾತು. ಟೀವಿ ಕಾಮೆಂಟೇಟರ್‌ಗೆ ಚಿತ್ರ ಇದೆ. ರೇಡಿಯೋದವರು ಎಲ್ಲವನ್ನೂ ಮಾತಿನಲ್ಲಿ ಕಟ್ಟಬೇಕು. ಗಾಳಿ ಚಿಕಾಗೊದ ಪಕ್ಕದ ಮಿಷಿಗನ್ ಸರೋವರದ ಕಡೆಯಿಂದ ಬೀಸುತ್ತಿದೆಯೋ ಆ ಕಡೆಗೆ ಹೋಗುತ್ತಿದೆಯೋ, ಚೆಂಡು ಎಸೆಯುವ ಪಿಚರ್ ಟೋಪಿ ಸರಿ ಮಾಡಿಕೊಂಡನೋ, ಫೀಲ್ಡರ್ ಎರಡು ಹೆಜ್ಜೆ ಹಿಂದೆ ಸರಿದನೋ. ಕಬ್ಸ್‌ಗೆ 1996ರಿಂದ ಪ್ಯಾಟ್ ಹ್ಯೂಸ್ ದನಿ. ಅವರು ಮಾತಾಡುತ್ತಿದ್ದರೆ ಕಣ್ಣೆದುರು ರಿಗ್ಲಿ ಫೀಲ್ಡ್‌ನ ಗೋಡೆಯ ಮೇಲಿನ ಐವಿ ಬಳ್ಳಿ ಬರುತ್ತದೆ. ಮಿಲ್ವಾಕಿಯ 620ರಲ್ಲಿ ಬಾಬ್ ಯೂಕರ್ 1971ರಿಂದ ಅಲ್ಲಿಯ ತಂಡ ಬ್ರೂವರ್ಸ್‌ನ ಆಟ ಹೇಳುತ್ತಿದ್ದರು, 1964ರಲ್ಲಿ ಸ್ವತಃ ಕಾರ್ಡಿನಲ್ಸ್‌ಗೆ ಕ್ಯಾಚರ್ (ನಮ್ಮ ವಿಕೆಟ್‌ಕೀಪರ್ ಥರ) ಆಗಿದ್ದವರು. 2025ರ ಜನವರಿಯಲ್ಲಿ ತೀರಿಕೊಂಡರು. ಮಧ್ಯಾಹ್ನ ಹೊತ್ತು ಗರಗರ ಸದ್ದಿನ ನಡುವೆ ಅವರ ದನಿ ಸಿಕ್ಕಿದ ದಿನಗಳನ್ನು ನಾನು ಮರೆಯಲಾರೆ. 2023ರಲ್ಲಿ ಪಿಚ್ ಕ್ಲಾಕ್, ಅಂದರೆ ಪಿಚರ್ ಇಷ್ಟು ಸೆಕೆಂಡಿನೊಳಗೆ ಎಸೆಯಲೇಬೇಕು ಅನ್ನುವ ನಿಯಮ, ಬಂದ ಮೇಲೆ ಸುಮಾರು 3 ಗಂಟೆಯ ಆಟ 2 ಗಂಟೆ 40 ನಿಮಿಷಕ್ಕೆ ಇಳಿದಿದೆ, ಹಳೇ ಕಥೆ ಹೇಳಲು ಕಾಮೆಂಟೇಟರ್‌ಗಳಿಗೆ ಬಿಡುವು ಕಡಿಮೆ. ಆಟಕ್ಕೆ ಒಳ್ಳೆಯದೇ ಆಯಿತು. ಆದರೆ ಆ ಕಥೆಗಳು ನನಗೆ ಬೇಕಿತ್ತು.

ಅಪ್ಪನಿಗೆ ಇಷ್ಟವಾದದ್ದು ಸ್ಕೋರ್ ಬರೆಯುವುದು. ಬೇಸ್‌ಬಾಲ್‌ನಲ್ಲಿ ಪ್ರತಿ ಜಾಗಕ್ಕೂ ಒಂದು ಅಂಕಿ. ಪಿಚರ್ 1, ಕ್ಯಾಚರ್ 2, ಫಸ್ಟ್ ಬೇಸ್ 3, ಹೀಗೆ 9ರವರೆಗೆ. ಸೆಕೆಂಡ್ ಮತ್ತು ಥರ್ಡ್ ಬೇಸ್ ನಡುವೆ ನಿಲ್ಲುವ ಶಾರ್ಟ್‌ಸ್ಟಾಪ್ 6, ಸೆಕೆಂಡ್ ಬೇಸ್ 4. ಶಾರ್ಟ್‌ಸ್ಟಾಪ್ ಚೆಂಡು ಹಿಡಿದು ಸೆಕೆಂಡ್‌ಗೆ, ಅವನು ಫಸ್ಟ್‌ಗೆ ಎಸೆದು ಇಬ್ಬರನ್ನು ಔಟ್ ಮಾಡಿದರೆ 6-4-3. ಅಪ್ಪ ನನ್ನ ನಂಬರಿನ ನೋಟ್‌ಬುಕ್‌ನ ಹಿಂದಿನ ಪುಟಗಳಲ್ಲಿ ಗೆರೆ ಎಳೆದು ಕನ್ನಡ ಅಂಕಿಯಲ್ಲಿ ತುಂಬಿಸಿಕೊಂಡು ಹೋದರು. ಒಂದು ರಾತ್ರಿ ಅವರಿಗೆ, ಮುಂದೆ ಅಮೆರಿಕದ ಅಧ್ಯಕ್ಷರಾದ ರೊನಾಲ್ಡ್ ರೇಗನ್ ಕಥೆ ಹೇಳಿದೆ. 1930ರ ದಶಕದಲ್ಲಿ ರೇಗನ್ ಪಕ್ಕದ ಅಯೋವಾದ ಡಿ ಮಾಯ್ನ್ ಸ್ಟೇಷನ್ನಿನಲ್ಲಿ ಕೂತು, ಟೆಲಿಗ್ರಾಫ್‌ನಲ್ಲಿ ಬಂದ ಚೀಟಿ ನೋಡಿಕೊಂಡು ಕಬ್ಸ್ ಆಟವನ್ನು ಎದುರಿಗೆ ನೋಡುತ್ತಿರುವ ಹಾಗೆ ಹೇಳುತ್ತಿದ್ದರು. ಒಮ್ಮೆ ತಂತಿ ಕೆಟ್ಟು ಸುದ್ದಿ ನಿಂತಾಗ, ಬ್ಯಾಟರ್ ಫೌಲ್ (ಗೆರೆಯಾಚೆ ಹೋಗುವ ಹೊಡೆತ) ಮೇಲೆ ಫೌಲ್ ಹೊಡೆಯುತ್ತಲೇ ಇದ್ದಾನೆ ಅಂತ ಹೇಳಿ ಹೊತ್ತು ತಳ್ಳಿದ್ದನ್ನು ರೇಗನ್ ತಾವೇ ಹೇಳಿಕೊಳ್ಳುತ್ತಿದ್ದರು. ಅಪ್ಪ ತೊಡೆ ತಟ್ಟಿ ನಕ್ಕರು.

ರೇಡಿಯೋ ಸಿಗದ ಊರಿಗೆ ಹೋದಾಗ ನಾನು ಲೀಗ್‌ನ ಆ್ಯಪ್‌ನಲ್ಲಿ ಆಡಿಯೋ ಮಾತ್ರದ ಚಂದಾ ಬಳಸುತ್ತೇನೆ. ಟೀವಿಯಂತೆ ಅದಕ್ಕೆ ಬ್ಲ್ಯಾಕೌಟ್ (ಹತ್ತಿರದ ತಂಡದ ಆಟ ತಡೆಹಿಡಿಯುವುದು) ಇಲ್ಲ, ಎರಡೂ ತಂಡದ ಕಾಮೆಂಟರಿಯಲ್ಲಿ ಬೇಕಾದದ್ದು ಆರಿಸಿಕೊಳ್ಳಬಹುದು. ಆದರೆ ಗಾಳಿಯಲ್ಲಿ ಬರುವುದಕ್ಕಿಂತ ಅದು ಹಿಂದೆ ಇರುತ್ತದೆ. ವರಾಂಡದಲ್ಲಿ ಅಪ್ಪ "ಹೋಯ್ತು, ಹೋಮ್ ರನ್!" ಅಂತ ಕೂಗಿದಾಗ ಒಳಗೆ ನನ್ನ ಫೋನಿನಲ್ಲಿ ಪಿಚರ್ ಇನ್ನೂ ಚೆಂಡು ಎಸೆದೇ ಇರಲಿಲ್ಲ.

ಸಣ್ಣ ಲೀಗ್ ಆಟಗಳಿಗೆ ಇದಾವುದೂ ಬೇಡ. ನಮ್ಮ ಊರಿನ ತಂಡ ಪಿಯೋರಿಯಾ ಚೀಫ್ಸ್, 2013ರಿಂದ ಕಾರ್ಡಿನಲ್ಸ್‌ನ ಕೆಳಹಂತದ ತಂಡ. ಇಂಥ ತಂಡಗಳ ಕಾಮೆಂಟರಿ ಹೆಚ್ಚಿನಂಶ ಇಂಟರ್ನೆಟ್‌ನಲ್ಲಿ ಪುಕ್ಕಟೆ ಸಿಗುತ್ತದೆ. ಅಪ್ಪ ಇಲ್ಲಿದ್ದಾಗ ನಾಲ್ಕು ಸಲ ಡೋಜರ್ ಪಾರ್ಕ್‌ಗೆ ಹೋಗಿ ಚೀಫ್ಸ್ ಆಟ ನೋಡಿದ್ದರು. ಊರಿಗೆ ಹೊರಡುವ ಮುಂಚೆ ಅವರ ಫೋನಿನಲ್ಲಿ ಆ ಕಾಮೆಂಟರಿ ಹಾಕಿಕೊಟ್ಟೆ. ಇಲ್ಲಿ ಸಂಜೆ 6:35ಕ್ಕೆ ಆಟ ಶುರುವಾದರೆ ಭದ್ರಾವತಿಯಲ್ಲಿ ಬೆಳಗಿನ 5:05. ಅವರು ಏಳುವ ಹೊತ್ತೇ ಅದು. ಕಾಫಿ ಕುಡಿಯುತ್ತಾ ಪೂರ್ತಿ ಆಟ ಕೇಳುತ್ತಾರೆ. ನಾನು ಮಕ್ಕಳನ್ನು ಮಲಗಿಸಿ ಫೋನ್ ನೋಡುವಷ್ಟರಲ್ಲಿ ಅವರ ಪುಟದ ಫೋಟೋ ಬಂದಿರುತ್ತದೆ, ಏಳನೇ ಇನಿಂಗ್ಸ್‌ನ ಮನೆಯಲ್ಲಿ ೬-೪-೩ ಅಂತ ಬರೆದು ಸುತ್ತ ಒಂದು ದುಂಡು ಗೆರೆ.