'ಸ್ಕ್ವಾಟರ್' ಎಂಬ ಪದವನ್ನು ಓದುವ ಮತ್ತು ಕನ್ನಡಕ್ಕೆ ತರುವ ಬಗೆ

ಹತ್ತೊಂಬತ್ತನೆಯ ಶತಮಾನದ ಆಸ್ಟ್ರೇಲಿಯಾದ ಪತ್ರಿಕೆಯನ್ನೋ ಸರ್ಕಾರಿ ಕಡತವನ್ನೋ ಓದಲು ಕುಳಿತವರಿಗೆ ಎರಡು ಪುಟ ತಿರುವುವಷ್ಟರಲ್ಲಿ 'ಸ್ಕ್ವಾಟರ್' ಎಂಬ ಪದ ಎದುರಾಗುತ್ತದೆ. ನಿಘಂಟನ್ನು ತೆರೆದರೆ ಕುಕ್ಕರಗಾಲಿನಲ್ಲಿ ಕುಳಿತವನು ಎಂಬ ಅರ್ಥವೂ ಪರರ ಜಾಗದಲ್ಲಿ ಅಕ್ರಮವಾಗಿ ಬೀಡುಬಿಟ್ಟವನು ಎಂಬ ಅರ್ಥವೂ ಸಿಗುತ್ತವೆ. ಇಷ್ಟನ್ನೇ ನಂಬಿಕೊಂಡು ಮುಂದುವರಿದ ಓದುಗನಿಗೆ, ಅಕ್ರಮವಾಗಿ ಬೀಡುಬಿಟ್ಟ ಆ ಮನುಷ್ಯನೇ ಸ್ವಲ್ಪ ಹೊತ್ತಿನಲ್ಲಿ ಸಾವಿರಾರು ಕುರಿಗಳ ಒಡೆಯನಾಗಿ, ಶಾಸನ ಪರಿಷತ್ತಿನ ಸದಸ್ಯನಾಗಿ, ಗವರ್ನರರ ವಿರುದ್ಧ ಲಂಡನ್ನಿಗೆ ದೂರು ಬರೆಯುವ ಪ್ರಭಾವಶಾಲಿಯಾಗಿ ಕಾಣಿಸಿಕೊಂಡಾಗ ಗೊಂದಲವಾಗುವುದು ಸಹಜ. ಪದ ಒಂದೇ, ಆದರೆ ಎಪ್ಪತ್ತು ವರ್ಷಗಳ ಅಂತರದಲ್ಲಿ ಅದು ಕಳ್ಳನನ್ನೂ ಧಣಿಯನ್ನೂ ಸೂಚಿಸಿದೆ. ಆದ್ದರಿಂದ ಇದಕ್ಕೆ ಕನ್ನಡದಲ್ಲಿ ಒಂದೇ ಸಮಾನಪದವನ್ನು ಮೊದಲೇ ಗೊತ್ತುಮಾಡಿಕೊಂಡು ಅನುವಾದಕ್ಕೆ ಕೂರುವುದು ತಪ್ಪು ದಾರಿ. ಪ್ರತಿ ಸಲವೂ ಇಸವಿ ಯಾವುದು, ಮಾತು ಯಾರದು, ಅಕ್ಕಪಕ್ಕದಲ್ಲಿ ಯಾವ ಪದಗಳಿವೆ ಎಂಬ ಮೂರನ್ನು ನೋಡಿಯೇ ಅರ್ಥವನ್ನು ನಿರ್ಧರಿಸಬೇಕು.

ಮೊದಲು ಇಸವಿಯನ್ನು ನೋಡಿ

ಪದ ಆಸ್ಟ್ರೇಲಿಯಾಕ್ಕೆ ಬಂದದ್ದು ಅಮೆರಿಕದಿಂದ. ಅಲ್ಲಿ ಹಕ್ಕುಪತ್ರವಿಲ್ಲದೆ ಖಾಲಿ ನೆಲದಲ್ಲಿ ಗುಡಿಸಲು ಹಾಕಿ ಉಳುಮೆ ಮಾಡುತ್ತಿದ್ದ ಬಡ ಒಕ್ಕಲಿಗನಿಗೆ ಆ ಹೆಸರಿತ್ತು. 1820ರ ದಶಕದಲ್ಲಿ, ಇಂದು ಟಾಸ್ಮೇನಿಯಾ ಎನ್ನಲಾಗುವ ವ್ಯಾನ್ ಡೀಮನ್ಸ್ ಲ್ಯಾಂಡಿನಲ್ಲಿ, ಅದನ್ನು ಬೈಗುಳವೆಂಬಂತೆ ಬಳಸಲಾರಂಭಿಸಿದರು. ಶಿಕ್ಷೆ ಮುಗಿದ ಕೈದಿಗಳು, ಅವಧಿಗೆ ಮೊದಲೇ ಷರತ್ತಿನ ಮೇಲೆ ಹೊರಗೆ ದುಡಿಯಲು ಅನುಮತಿ ಪಡೆದ ಕೈದಿಗಳು ಸರ್ಕಾರಿ ಜಮೀನಿನ ಮೂಲೆಯಲ್ಲಿ ಗುಡಿಸಲು ಹಾಕಿಕೊಂಡು, ನೆರೆಯ ಜಮೀನುದಾರರ ಕುರಿದನಗಳನ್ನು ಕದ್ದು, ಕಳ್ಳಸಾರಾಯಿ ಮಾರಿ ಬದುಕುತ್ತಾರೆ ಎಂಬುದು ಅಂದಿನ ಆರೋಪ. ಆ ಕಾಲದ ಬರಹದಲ್ಲಿ 'ಸ್ಕ್ವಾಟರ್' ಎಂದರೆ ಪೊಲೀಸರು ಕಣ್ಣಿಡಬೇಕಾದವನು ಎಂದೇ ಓದಬೇಕು.

ನ್ಯೂ ಸೌತ್ ವೇಲ್ಸಿನಲ್ಲಿ ಅರ್ಥ ಹೊರಳಿದ್ದು 1830ರ ದಶಕದ ನಡುವಿನಲ್ಲಿ. ಹೊರಳಿದ ಕಾರಣವನ್ನು ತಿಳಿಯದೆ ಮುಂದಿನ ಯಾವ ದಾಖಲೆಯೂ ಸರಿಯಾಗಿ ಅರ್ಥವಾಗುವುದಿಲ್ಲವಾದ್ದರಿಂದ ಇಲ್ಲಿ ಸ್ವಲ್ಪ ನಿಧಾನಿಸೋಣ. 1829ರಲ್ಲಿ ಗವರ್ನರ್ ಡಾರ್ಲಿಂಗ್ ಸಿಡ್ನಿಯ ಸುತ್ತಲಿನ ಪ್ರದೇಶವನ್ನು ಹತ್ತೊಂಬತ್ತು ಕೌಂಟಿಗಳೆಂದು ಗುರುತಿಸಿ, ನೆಲಸುವವರು ಅದರೊಳಗೇ ಇರಬೇಕೆಂದು ಗಡಿ ಹಾಕಿದ್ದರು. ಆದರೆ ಇಂಗ್ಲೆಂಡಿನ ಗಿರಣಿಗಳಿಗೆ ಮೆರಿನೊ ಉಣ್ಣೆ ಬೇಕಿತ್ತು, ಮೆರಿನೊ ಮಂದೆಗೆ ಹುಲ್ಲು ಬೇಕಿತ್ತು, ಹುಲ್ಲು ಗಡಿಯಾಚೆ ಇತ್ತು. ಸೇನೆಯಿಂದ ನಿವೃತ್ತರಾದ ಅಧಿಕಾರಿಗಳು, ಸ್ಕಾಟ್ಲೆಂಡಿನಿಂದ ಬಂಡವಾಳ ತಂದವರು, ಗಡಿಯೊಳಗೆ ಆಗಲೇ ಜಮೀನು ಪಡೆದಿದ್ದ ಮನೆತನಗಳ ಮಕ್ಕಳು ಮಂದೆಗಳನ್ನು ಹೊಡೆದುಕೊಂಡು ಗಡಿ ದಾಟಿದರು. ಕಾನೂನಿನ ದೃಷ್ಟಿಯಲ್ಲಿ ಇವರಿಗೂ ಗುಡಿಸಲಿನ ಮಾಜಿ ಕೈದಿಗೂ ವ್ಯತ್ಯಾಸವಿರಲಿಲ್ಲ. ಇಬ್ಬರೂ ಸರ್ಕಾರಿ ನೆಲದಲ್ಲಿ ಅನುಮತಿಯಿಲ್ಲದೆ ಕುಳಿತವರೇ. ಹೀಗೆ ಗೌರವಸ್ಥರ ಮೇಲೂ ಅದೇ ಹೆಸರು ಬಿತ್ತು, ಅವರ ಸಂಪತ್ತು ಹೆಚ್ಚಿದಂತೆ ಹೆಸರಿನ ಮೇಲಿದ್ದ ಕಳಂಕ ಕರಗಿತು. 1836ರಲ್ಲಿ ಗವರ್ನರ್ ಬರ್ಕ್ ತಂದ ಕಾನೂನು ಸರ್ಕಾರಿ ಭೂಮಿಯ ಅನಧಿಕೃತ ಸ್ವಾಧೀನವನ್ನು ತಡೆಯಲೆಂದು ಹೊರಟದ್ದಾದರೂ, ವರ್ಷಕ್ಕೆ ಹತ್ತು ಪೌಂಡು ಕಟ್ಟಿದವರಿಗೆ ಗಡಿಯಾಚೆ ಮೇಯಿಸುವ ಪರವಾನಗಿಯನ್ನು ಕೊಟ್ಟು, ತಡೆಯಬೇಕಾದ್ದನ್ನೇ ಒಪ್ಪಿಕೊಂಡಿತು. ಹತ್ತು ಪೌಂಡಿಗೆ ಎಷ್ಟು ನೆಲ ಎಂಬ ಮಿತಿಯೂ ಅದರಲ್ಲಿರಲಿಲ್ಲ.

ಈ ಧಾರಾಳಕ್ಕೆ ಕಡಿವಾಣ ಹಾಕಲು ಹೊರಟವರು ಗವರ್ನರ್ ಗಿಪ್ಸ್. 1844ರಲ್ಲಿ ಅವರು ಪ್ರತಿಯೊಂದು ಬೀಡಿಗೂ ಪ್ರತ್ಯೇಕ ಪರವಾನಗಿ ಬೇಕೆಂದು ನಿಯಮ ಹೊರಡಿಸಿದಾಗ ಸ್ಕ್ವಾಟರುಗಳು ಸಭೆ ಸೇರಿ, ಸಂಘ ಕಟ್ಟಿ, ಲಂಡನ್ನಿನವರೆಗೆ ಒತ್ತಡ ತಂದರು. ಫಲವಾಗಿ 1847ರ ರಾಜಾಜ್ಞೆಯು ದೂರದ ಪ್ರದೇಶಗಳಲ್ಲಿ ಹದಿನಾಲ್ಕು ವರ್ಷ, ಮಧ್ಯಮ ದೂರದವುಗಳಲ್ಲಿ ಎಂಟು ವರ್ಷ, ನೆಲೆಗೊಂಡ ಪ್ರದೇಶಗಳಲ್ಲಿ ಒಂದು ವರ್ಷದ ಗುತ್ತಿಗೆಗೆ ಅವಕಾಶ ಕೊಟ್ಟಿತು. ಆದ್ದರಿಂದ 1836ಕ್ಕೆ ಮೊದಲಿನ ಸ್ಕ್ವಾಟರ್ ಅನುಮತಿಯಿಲ್ಲದವನು, 1836ರಿಂದ 1847ರವರೆಗಿನವನು ಪರವಾನಗಿದಾರ, ಅನಂತರದವನು ಗುತ್ತಿಗೆದಾರ. ಮೂರು ಹಂತದಲ್ಲೂ ಆತ ಭೂಮಾಲೀಕನಲ್ಲ ಎಂಬುದನ್ನು ಅನುವಾದಕರು ಹೆಚ್ಚಾಗಿ ಮರೆಯುತ್ತಾರೆ. 'ಜಮೀನ್ದಾರ' ಎಂದು ಬರೆದರೆ ಕಿವಿಗೆ ಹಿತವಾಗಬಹುದು, ಆದರೆ ಭೂಕಂದಾಯದ ಇತಿಹಾಸವನ್ನು ಬಲ್ಲ ಕನ್ನಡಿಗನಿಗೆ ಅದು ಬೇರೆಯೇ ಚಿತ್ರವನ್ನು ಕೊಡುತ್ತದೆ.

ಮಾತು ಯಾರದು ಎಂದು ಕೇಳಿಕೊಳ್ಳಿ

1860ರ ನಂತರದ ಬರಹಗಳಲ್ಲಿ ಇಸವಿಗಿಂತ ಆಡಿದವರ ಬಾಯಿ ಮುಖ್ಯವಾಗುತ್ತದೆ. 1861ರ ರಾಬರ್ಟ್‌ಸನ್ ಭೂಶಾಸನಗಳು ನ್ಯೂ ಸೌತ್ ವೇಲ್ಸಿನಲ್ಲಿ ಯಾರು ಬೇಕಾದರೂ 40ರಿಂದ 320 ಎಕರೆಯವರೆಗಿನ ನೆಲವನ್ನು, ಅದು ಸ್ಕ್ವಾಟರನ ಗುತ್ತಿಗೆಯಲ್ಲಿದ್ದರೂ, ಎಕರೆಗೆ ಒಂದು ಪೌಂಡಿನಂತೆ ಆಯ್ದುಕೊಳ್ಳಬಹುದೆಂದವು. ಹೀಗೆ ಆಯ್ದುಕೊಂಡ ಸಣ್ಣ ರೈತ 'ಸೆಲೆಕ್ಟರ್' ಎನಿಸಿಕೊಂಡನು. ಅವನ ಬಾಯಲ್ಲಿ 'ಸ್ಕ್ವಾಟರ್' ಎಂದರೆ ಹಳ್ಳಕೊಳ್ಳಗಳ ದಂಡೆಯ ನೆಲವನ್ನಷ್ಟೇ ಬೇನಾಮಿ ಹೆಸರುಗಳಲ್ಲಿ ಕೊಂಡು, ಸುತ್ತಲಿನ ನೂರಾರು ಎಕರೆ ನೀರಿಲ್ಲದೆ ಯಾರಿಗೂ ಬೇಡವಾಗುವಂತೆ ಮಾಡುವ ಸಿರಿವಂತ. ಈ ಉಪಾಯಕ್ಕೆ ಅಲ್ಲಿಯವರು ನವಿಲಿನ ಹೆಸರನ್ನಿಟ್ಟು 'ಪೀಕಾಕಿಂಗ್' ಎಂದರು. ಬೇನಾಮಿದಾರನಿಗೆ 'ಡಮ್ಮಿ' ಎಂದರು. ಎರಡನೆಯದಕ್ಕೆ ನಮ್ಮ 'ಬೇನಾಮಿ' ಎಷ್ಟು ಚೆನ್ನಾಗಿ ಒಪ್ಪುತ್ತದೆಂದರೆ, ಇಡೀ ಪರಿಭಾಷೆಯಲ್ಲಿ ಅನುವಾದಕನಿಗೆ ಶ್ರಮವಿಲ್ಲದೆ ಸಿಗುವ ಪದ ಬಹುಶಃ ಇದೊಂದೇ. ಇತ್ತ ಸ್ಕ್ವಾಟರುಗಳು ತಮ್ಮನ್ನು ತಾವು ಹಾಗೆ ಕರೆದುಕೊಂಡಾಗ ಅದರಲ್ಲಿ ಅಭಿಮಾನವಿತ್ತು, ನಾವೇ ಮೊದಲು ಬಂದು ನಾಡನ್ನು ಕಟ್ಟಿದವರು ಎಂಬ ಧ್ವನಿಯಿತ್ತು. ಪತ್ರಿಕೆಗಳು ಇವರ ವರ್ಗವನ್ನು ಗೇಲಿ ಮಾಡಲು ಕುಲೀನವರ್ಗವೆಂಬ ಅರ್ಥದ ಪದದ ಬಾಲವನ್ನು ಅಂಟಿಸಿ 'ಸ್ಕ್ವಾಟೋಕ್ರಸಿ' ಎಂದು ಬರೆದವು. ಇದಕ್ಕೆ ನಾನೊಮ್ಮೆ 'ಕುರಿದೊರೆಗಳು' ಎಂದು ಬರೆದು ನೋಡಿದ್ದುಂಟು. ಆದರೆ ಕನ್ನಡದಲ್ಲಿ ಕುರಿ ಎಂದೊಡನೆ ಪೆದ್ದುತನ ನೆನಪಾಗುವುದರಿಂದ, ಪೆದ್ದರೇ ಅಲ್ಲದ ಈ ಜನಕ್ಕೆ ಅದು ಹೊಂದಲಿಲ್ಲ. 'ಮಂದೆದೊರೆಗಳು' ವಾಸಿ.

ಪದದ ಹೊರಳಾಟ ಎಲ್ಲಿಗೆ ಮುಟ್ಟಿತೆಂಬುದಕ್ಕೆ 1895ರಲ್ಲಿ ಬ್ಯಾಂಜೊ ಪ್ಯಾಟರ್ಸನ್ ಕ್ವೀನ್ಸ್‌ಲ್ಯಾಂಡಿನಲ್ಲಿ ಬರೆದ 'ವಾಲ್ಟ್ಸಿಂಗ್ ಮಟಿಲ್ಡಾ' ಹಾಡಿಗಿಂತ ಒಳ್ಳೆಯ ಸಾಕ್ಷಿಯಿಲ್ಲ. ಅದರಲ್ಲಿ ಹೆಗಲ ಮೇಲೆ ಗಂಟು ಹೊತ್ತು ಅಲೆಯುವ ಕೂಲಿಯೊಬ್ಬ ಕುರಿಯೊಂದನ್ನು ಕದಿಯುತ್ತಾನೆ, ಸ್ಕ್ವಾಟರ್ ಕುದುರೆಯೇರಿ ಬರುತ್ತಾನೆ, ಜೊತೆಯಲ್ಲಿ ಮೂವರು ಪೊಲೀಸರು. ಎಪ್ಪತ್ತು ವರ್ಷ ಹಿಂದೆ ಕುರಿ ಕದಿಯುವವನ ಹೆಸರಾಗಿದ್ದದ್ದು ಈಗ ಕುರಿಗಳ್ಳನನ್ನು ಹಿಡಿಸುವವನ ಹೆಸರಾಗಿದೆ. ಅದರ ಹಿಂದಿನ ವರ್ಷವಷ್ಟೇ ಉಣ್ಣೆ ಕತ್ತರಿಸುವ ಕೂಲಿಗಳ ಮುಷ್ಕರ ನಡೆದು ಅದೇ ಸೀಮೆಯ ಉಣ್ಣೆಕೊಟ್ಟಿಗೆಯೊಂದು ಸುಟ್ಟುಹೋಗಿತ್ತು ಎಂಬುದನ್ನು ನೆನೆದರೆ, ಆ ಹಾಡಿನಲ್ಲಿ ಪದಕ್ಕೆ 'ಧಣಿ' ಎಂಬುದು ಸರಿಯಾದ ಕನ್ನಡವೆಂದು ತೋರುತ್ತದೆ.

ಅಕ್ಕಪಕ್ಕದ ಪದಗಳಲ್ಲಿ ಎಡವದಿರಿ

ಸ್ಕ್ವಾಟರನ ಸುತ್ತ ಬರುವ ಮಾತುಗಳೆಲ್ಲ ನೋಡಲು ಪರಿಚಿತ, ಅರ್ಥದಲ್ಲಿ ಅಪರಿಚಿತ. 'ಸ್ಟೇಷನ್' ಎಂದರೆ ನಿಲ್ದಾಣವಲ್ಲ, ಮನೆ, ಕೊಟ್ಟಿಗೆ, ದೊಡ್ಡಿಗಳೊಂದಿಗೆ ಮಂದೆ ಸಾಕುವ ಬೀಡು. 'ರನ್' ಎಂದರೆ ಓಟವಲ್ಲ, ಆ ಮಂದೆ ಮೇಯುವ ಹರಹು. ನಮ್ಮಲ್ಲಿ ಅಮೃತಮಹಲ್ ದನಗಳಿಗೆ ಬಿಟ್ಟ 'ಕಾವಲು' ಇದಕ್ಕೆ ಹತ್ತಿರವಾದರೂ ಕಾವಲು ಸರ್ಕಾರದ ದನಗಳಿಗೆ ಮೀಸಲಾಗಿದ್ದದ್ದು, ಆದ್ದರಿಂದ 'ಮೇವುಸೀಮೆ' ಎಂದು ಬಿಡಿಸಿ ಹೇಳುವುದು ಲೇಸು. 'ಸ್ಟಾಕ್' ಷೇರಲ್ಲ, ಕುರಿದನಕುದುರೆಗಳು. 'ವೇಸ್ಟ್ ಲ್ಯಾಂಡ್' ಎಂಬುದನ್ನು 'ಖರಾಬು' ಅಥವಾ 'ಬಂಜರು' ಎಂದರೆ ಬೇಸಾಯಕ್ಕೆ ಬಾರದ ನೆಲವೆಂಬ ಭಾವನೆ ಬರುತ್ತದೆ. ಅಲ್ಲಿಯ ಕಾನೂನಿನಲ್ಲಿ ಅದು ಇನ್ನೂ ಮಾರಾಟವಾಗದ, ಹಂಚಿಕೆಯಾಗದ ಸರ್ಕಾರಿ ನೆಲ, ಅದರಲ್ಲಿ ಅತ್ಯುತ್ತಮ ಹುಲ್ಲುಗಾವಲೂ ಸೇರಿತ್ತು.

ಇವೆಲ್ಲಕ್ಕಿಂತ ಹೆಚ್ಚಿನ ತಪ್ಪು ಸ್ಕ್ವಾಟರನನ್ನು 'ಕುರಿಗಾಹಿ' ಎನ್ನುವುದು. ಕುರಿ ಕಾದವನು ಬೇರೆ. ಅವನು 'ಶೆಫರ್ಡ್', ದನ ನೋಡಿಕೊಳ್ಳುವವನು 'ಸ್ಟಾಕ್‌ಮನ್', ರಾತ್ರಿ ದೊಡ್ಡಿಯ ಬಳಿ ಗುಡಿಸಲು ಕಾಯುವವನು 'ಹಟ್ ಕೀಪರ್'. ನ್ಯೂ ಸೌತ್ ವೇಲ್ಸಿಗೆ ಕೈದಿಗಳನ್ನು ಸಾಗಿಸುವುದು 1840ರಲ್ಲಿ ನಿಲ್ಲುವವರೆಗೆ ಈ ಕೆಲಸಗಾರರಲ್ಲಿ ಅನೇಕರು ಸರ್ಕಾರ ನೇಮಿಸಿಕೊಟ್ಟ ಕೈದಿಗಳು. ಸ್ಕ್ವಾಟರ್ ಎಷ್ಟೋ ವೇಳೆ ಸಿಡ್ನಿಯ ಮನೆಯಲ್ಲೇ ಇದ್ದು ಮೇಲ್ವಿಚಾರಕನ ಮೂಲಕ ವ್ಯವಹಾರ ನಡೆಸುತ್ತಿದ್ದನು. ಈ ಭೇದವನ್ನು ಅಳಿಸಿದರೆ ಅರ್ಥ ಮಾತ್ರವಲ್ಲ, ಹೊಣೆಯೂ ಅದಲುಬದಲಾಗುತ್ತದೆ. 1838ರ ಜೂನ್ 10ರಂದು ಮಯಾಲ್ ಕ್ರೀಕ್ ಎಂಬಲ್ಲಿ ಕನಿಷ್ಠ 28 ಮಂದಿ ಮೂಲನಿವಾಸಿಗಳನ್ನು ಕೊಂದವರಲ್ಲಿ ಹೆಚ್ಚಿನವರು ಕೈದಿಗಳೋ ಮಾಜಿ ಕೈದಿಗಳೋ ಆದ ಮಂದೆಯಾಳುಗಳು. ಅದೇ ವರ್ಷದ ಡಿಸೆಂಬರಿನಲ್ಲಿ ಏಳು ಮಂದಿಗೆ ಗಲ್ಲಾಯಿತು. ಆ ಬೀಡಿನ ಒಡೆಯ ಹೆನ್ರಿ ಡ್ಯಾಂಗರ್ ಕೊಲೆಯಲ್ಲಿ ಪಾಲ್ಗೊಂಡವನಲ್ಲ. ಆಳು ಯಾರು, ಒಡೆಯ ಯಾರು ಎಂಬುದನ್ನು ಪದಗಳೇ ತೋರಿಸಬೇಕಾದ ಕಡೆ ಎಲ್ಲರನ್ನೂ 'ಪಶುಪಾಲಕರು' ಎಂದು ಒಟ್ಟಿಗೆ ಕಟ್ಟುವುದು ಓದುಗರಿಗೆ ಮಾಡುವ ಅನ್ಯಾಯ.

ಕನ್ನಡದಲ್ಲಿ ಏನೆನ್ನಬೇಕು

ನಮ್ಮಲ್ಲಿ ತಟ್ಟನೆ ನೆನಪಾಗುವುದು 'ಬಗರ್ ಹುಕುಂ'. ಹುಕುಮಿಲ್ಲದೆ ಎಂಬ ಅರ್ಥದ ಈ ಪದ ಸರ್ಕಾರಿ ಜಮೀನನ್ನು ಮಂಜೂರಾತಿಯಿಲ್ಲದೆ ಉಳುವವರಿಗೆ ಸಲ್ಲುತ್ತದೆ. 1964ರ ಭೂಕಂದಾಯ ಕಾಯ್ದೆಯಡಿ ಸಕ್ರಮಕ್ಕಾಗಿ ನಮೂನೆ 50, 53, 57ರಲ್ಲಿ ಅರ್ಜಿ ಕೊಟ್ಟವರ ಮನೆ ನಮ್ಮ ಪ್ರತಿ ತಾಲ್ಲೂಕಿನಲ್ಲೂ ಸಿಗುತ್ತದೆ. ಮೊದಲು ಅಕ್ರಮ, ಅನಂತರ ಸಕ್ರಮ ಎಂಬ ನಡೆಯಲ್ಲಿ ಹೋಲಿಕೆಯಿದೆ. ಹಾಗಿದ್ದರೂ ಬಗರ್ ಹುಕುಂ ಎಂದೊಡನೆ ಎರಡು ಮೂರು ಎಕರೆಯ ಬಡ ರೈತ ಕಣ್ಣ ಮುಂದೆ ಬರುವುದರಿಂದ, ಅದು ಅಮೆರಿಕದ ಸ್ಕ್ವಾಟರನಿಗೆ ಹೊಂದುವಷ್ಟು ಆಸ್ಟ್ರೇಲಿಯಾದವನಿಗೆ ಹೊಂದುವುದಿಲ್ಲ. 'ಒತ್ತುವರಿದಾರ' ಎಂಬುದು 1820ರ ದಶಕದ ಬಳಕೆಗೆ ಸಾಕು. ಪರವಾನಗಿಯ ಕಾಲಕ್ಕೆ 'ಗಡಿಯಾಚೆಯ ಮಂದೆಯೊಡೆಯ', ಗುತ್ತಿಗೆಯ ಕಾಲಕ್ಕೆ 'ಮಂದೆಯೊಡೆಯ' ಎಂಬುದನ್ನು ನಾನು ಬಳಸುತ್ತೇನೆ. ದೀರ್ಘ ಬರಹವಾದರೆ 'ಸ್ಕ್ವಾಟರ್' ಎಂಬುದನ್ನೇ ಕನ್ನಡ ಲಿಪಿಯಲ್ಲಿ ಉಳಿಸಿ, ಮೊದಲ ಸಲ ಬಂದಾಗ ಆ ಇಸವಿಯ ಅರ್ಥವನ್ನು ಒಂದು ವಾಕ್ಯದಲ್ಲಿ ತಿಳಿಸುವುದು ಎಲ್ಲಕ್ಕಿಂತ ಪ್ರಾಮಾಣಿಕವಾದ ಕ್ರಮ.

'ಅನಧಿಕೃತ' ಎಂದು ಬರೆಯುವಾಗ ಯಾರ ದೃಷ್ಟಿಯಲ್ಲಿ ಎಂಬುದೂ ತಿಳಿದಿರಲಿ. ಗವರ್ನರರಿಗೂ ಸ್ಕ್ವಾಟರನಿಗೂ ನಡೆದ ಜಗಳ ಬ್ರಿಟಿಷ್ ರಾಜಸತ್ತೆಯ ನೆಲವನ್ನು ಯಾರು, ಎಷ್ಟಕ್ಕೆ ಬಳಸಬೇಕೆಂಬುದರ ಬಗ್ಗೆ. ಆ ನೆಲದಲ್ಲಿ ಸಾವಿರಾರು ವರ್ಷಗಳಿಂದ ಬದುಕಿದ್ದ ಮೂಲನಿವಾಸಿಗಳ ಅನುಮತಿಯನ್ನು ಇಬ್ಬರೂ ಕೇಳಿದವರಲ್ಲ. ಜಾನ್ ಬ್ಯಾಟ್‌ಮನ್ 1835ರಲ್ಲಿ ಇಂದಿನ ಮೆಲ್ಬರ್ನ್ ಬಳಿ ಅವರೊಂದಿಗೆ ಒಪ್ಪಂದ ಮಾಡಿಕೊಂಡೆನೆಂದಾಗ ಗವರ್ನರ್ ಬರ್ಕ್ ಅದನ್ನು ಅಸಿಂಧುವೆಂದು ಸಾರಿದರು. ಈ ಪ್ರಶ್ನೆ ಹಳೆಯದಾಗಿಲ್ಲ. ಮೇವಿನ ಗುತ್ತಿಗೆ ಕೊಟ್ಟ ಮಾತ್ರಕ್ಕೆ ಮೂಲನಿವಾಸಿಗಳ ಹಕ್ಕು ತಾನೇ ತಾನಾಗಿ ಅಳಿಯುವುದಿಲ್ಲವೆಂದು ಆಸ್ಟ್ರೇಲಿಯಾದ ಹೈಕೋರ್ಟು ವಿಕ್ ಪ್ರಕರಣದಲ್ಲಿ ಹೇಳಿದ್ದು 1996ರ ಡಿಸೆಂಬರಿನಲ್ಲಿ. ಅಂಥ ತೀರ್ಪನ್ನು ಕನ್ನಡದಲ್ಲಿ ವಿವರಿಸುವವರು ಗುತ್ತಿಗೆದಾರನನ್ನು 'ಭೂಮಾಲೀಕ' ಎಂದು ಬರೆದರೆ ತೀರ್ಪಿನ ತಿರುಳೇ ಕೈತಪ್ಪುತ್ತದೆ.

ಬೇರೆ ವಸಾಹತುಗಳ ದಾಖಲೆಗಳಿಗೆ ಈ ಅರ್ಥಗಳನ್ನು ಹೊತ್ತೊಯ್ಯಬೇಡಿ. ಕೀನ್ಯಾದಲ್ಲಿ ಅದೇ ಪದ ಬಿಳಿಯರ ಎಸ್ಟೇಟಿನಲ್ಲಿ ವರ್ಷಕ್ಕಿಷ್ಟು ದಿನ ದುಡಿದು, ಬದಲಿಗೆ ಅಲ್ಲೇ ಗುಡಿಸಲು ಹಾಕಿ ತನ್ನ ಆಡುದನಗಳನ್ನು ಮೇಯಿಸಿಕೊಳ್ಳುತ್ತಿದ್ದ ಆಫ್ರಿಕನ್ ಕೂಲಿಯನ್ನು ಸೂಚಿಸಿತು. ಎರಡು ಕಡೆಯೂ ಜಾನುವಾರು ಸಾಕುವವನೇ, ಆದರೆ ಒಬ್ಬ ಧಣಿ, ಇನ್ನೊಬ್ಬ ಆಳು. ಇಂದಿನ ಇಂಗ್ಲಿಷಿನಲ್ಲಿ ಖಾಲಿ ಮನೆಯ ಬೀಗ ಮುರಿದು ವಾಸಿಸುವವನೂ ಸ್ಕ್ವಾಟರನೇ. 'ಸ್ಕ್ವಾಟರ್ ಪಿಜನ್' ಎಂಬ ಆಸ್ಟ್ರೇಲಿಯಾದ ಪಾರಿವಾಳಕ್ಕಂತೂ ಮಂದೆಯೊಡೆಯರ ಸಂಬಂಧವೇ ಇಲ್ಲ, ಗಾಬರಿಯಾದಾಗ ನೆಲಕ್ಕೆ ಅಡಗಿ ಕೂರುವುದರಿಂದ ಅದಕ್ಕೆ ಆ ಹೆಸರು. ಆದರೆ 'ಸ್ಕ್ವಾಟರ್ಸ್ ಚೇರ್' ಅವರದೇ: ಕೈಗಳು ಕಾಲು ಚಾಚುವಷ್ಟು ಉದ್ದವಿರುವ ಜಗಲಿಯ ಕುರ್ಚಿ, ಕೊಡಗು ಚಿಕ್ಕಮಗಳೂರುಗಳ ಕಾಫಿತೋಟದ ಬಂಗಲೆಗಳಲ್ಲಿ ಪ್ಲಾಂಟರ್ಸ್ ಚೇರ್ ಎನ್ನುವಂಥದ್ದು.

ಕೊನೆಗೆ ಒಂದು ಅಭ್ಯಾಸ. 'ಆತನೊಬ್ಬ ಸ್ಕ್ವಾಟರ್, ನದಿಯಾಚೆ ಅವನಿಗೊಂದು ಸ್ಟೇಷನ್ ಇದೆ' ಎಂಬ, ಉದಾಹರಣೆಗಾಗಿ ನಾನೇ ಕಟ್ಟಿದ ವಾಕ್ಯವನ್ನು ತೆಗೆದುಕೊಳ್ಳಿ. ಅದು 1840ರ ಪತ್ರದಲ್ಲಿದ್ದರೆ 'ಆತ ಪರವಾನಗಿ ಪಡೆದ ಮಂದೆಯೊಡೆಯ, ನದಿಯಾಚೆ ಅವನ ಕುರಿಬೀಡಿದೆ' ಎನ್ನಬಹುದು. 1870ರಲ್ಲಿ ಸೆಲೆಕ್ಟರನೊಬ್ಬ ಆಡಿದ ಮಾತಾದರೆ 'ಅವನು ಮಂದೆದೊರೆ, ನದಿಯಾಚೆಯ ಸೀಮೆಯೆಲ್ಲ ಅವನ ಹಿಡಿತದಲ್ಲಿದೆ' ಎಂದರೇ ಧ್ವನಿ ಬರುತ್ತದೆ. 1825ರ ಟಾಸ್ಮೇನಿಯಾದ ಕಾಗದವೆಂದು ಯಾರಾದರೂ ಕೊಟ್ಟರೆ ಅನುವಾದಕ್ಕೆ ಮೊದಲು ಇಸವಿಯನ್ನು ಇನ್ನೊಮ್ಮೆ ಪರಿಶೀಲಿಸಿ, ಏಕೆಂದರೆ ಆ ಕಾಲದ ಸ್ಕ್ವಾಟರನಿಗೆ ಗುಡಿಸಲಿತ್ತು, ಸ್ಟೇಷನ್ ಇರುವುದು ಸಂಶಯ. ಆಸ್ಟ್ರೇಲಿಯಾದ ರಾಷ್ಟ್ರೀಯ ಗ್ರಂಥಾಲಯದ 'ಟ್ರೋವ್' ಜಾಲತಾಣದಲ್ಲಿ ಆ ಕಾಲದ ಪತ್ರಿಕೆಗಳು ಉಚಿತವಾಗಿ ಸಿಗುತ್ತವೆ. ಪದವನ್ನು ಹುಡುಕಿ, ಫಲಿತಾಂಶವನ್ನು ದಶಕವಾರು ಬೇರ್ಪಡಿಸಿ, ಪ್ರತಿ ದಶಕದಿಂದ ಹತ್ತು ವಾಕ್ಯಗಳನ್ನು ಓದಿಕೊಂಡು ಆಮೇಲೆ ನಿಮ್ಮ ದಾಖಲೆಗೆ ಮರಳಿರಿ.