ಎತ್ತಿನ ಕಾಲು ನೋಡುತ್ತಿದ್ದ ರೋಬೋಟ್

ನಾನು ಮೊದಲು ಕಂಡ ರೋಬೋಟ್‌ಗೆ ಕೈಕಾಲು ಇರಲಿಲ್ಲ. ಅದು ಗದಗದ ಒಂದು ಮುದ್ರಣಾಲಯದ ಆಫ್‌ಸೆಟ್ ಯಂತ್ರ. ಅಪ್ಪ ಮೋಟಾರ್ ರಿವೈಂಡಿಂಗ್ ಮಾಡುತ್ತಿದ್ದರು. ಬೇಸಿಗೆಯಲ್ಲಿ ಪಂಪ್‌ಸೆಟ್ ಮೋಟಾರುಗಳು, ಶಾಲೆ ಶುರುವಾಗುವ ಹೊತ್ತಿಗೆ ಪ್ರೆಸ್ಸಿನ ಮೋಟಾರುಗಳು. ತಂತಿ ಸುತ್ತಿದ ಮೋಟಾರನ್ನು ಕೂರಿಸಲು ಹೋಗುವಾಗ ನನ್ನನ್ನೂ ಕರೆದೊಯ್ಯುತ್ತಿದ್ದರು. ಅವರು ಬೋಲ್ಟು ಬಿಗಿಯುವಾಗ ನಾನು ಕಾಗದದ ಅಟ್ಟಿಯ ಮುಂದೆ ಕುಕ್ಕರಗಾಲಿನಲ್ಲಿ ಕೂತಿರುತ್ತಿದ್ದೆ. ರಬ್ಬರಿನ ಬಾಯಿಗಳು ಗಾಳಿ ಹೀರಿ ಮೇಲಿನ ಒಂದೇ ಹಾಳೆಯನ್ನು ಎತ್ತುತ್ತಿದ್ದವು. ಕಬ್ಬಿಣದ ಚಿಮಟಗಳು ಅದನ್ನು ಕಚ್ಚಿ ಸಿಲಿಂಡರಿಗೆ ಒಯ್ಯುತ್ತಿದ್ದವು. ಎರಡು ಹಾಳೆ ಒಟ್ಟಿಗೆ ಬಂದರೆ ಯಂತ್ರ ತಾನಾಗಿಯೇ ನಿಲ್ಲುತ್ತಿತ್ತು. ಅದಕ್ಕೆ ಹೇಗೆ ಗೊತ್ತಾಯಿತು ಎಂದು ಕೇಳಿದೆ. "ದಪ್ಪ ಮುಟ್ಟಿ ನೋಡುತ್ತದೆ" ಎಂದರು ಅಪ್ಪ. ಸೆನ್ಸರ್ ಎಂದರೇನು ಎಂದು ಇಪ್ಪತ್ತು ವರ್ಷ ಪಾಠ ಮಾಡಿಯೂ ಇಷ್ಟು ಚಿಕ್ಕದಾಗಿ ಹೇಳಲು ನನಗೆ ಬಂದಿಲ್ಲ.

ಡಿಪ್ಲೊಮಾ ಮುಗಿಸಿ ಹುಬ್ಬಳ್ಳಿಯಲ್ಲಿ ಮೆಕ್ಯಾನಿಕಲ್ ಬಿ.ಇ. ಮಾಡಿದೆ. ಆಮೇಲೆ ಗೋಕುಲ ರಸ್ತೆಯ ಒಂದು ವಾಲ್ವ್ ಕಾರ್ಖಾನೆಯಲ್ಲಿ ಮೂರು ವರ್ಷ ದುಡಿದೆ. ಲೇಥ್‌ನ ಹಿಡಿಯನ್ನು ಹಿಂದಕ್ಕೆ ತಿರುಗಿಸಿದರೆ ಅದು ಸ್ವಲ್ಪ ದೂರ ಬರಿದೇ ತಿರುಗಿ, ನಂತರವಷ್ಟೇ ಸ್ಲೈಡ್ ಕದಲುತ್ತದೆ. ಅಲ್ಲಿ ಅದಕ್ಕೆ 'ಪ್ಲೇ' ಎನ್ನುತ್ತಿದ್ದರು, ಪುಸ್ತಕದಲ್ಲಿ ಬ್ಯಾಕ್‌ಲ್ಯಾಶ್. ರೋಬೋಟ್‌ನ ಭುಜದಲ್ಲಿ ಒಂದು ಡಿಗ್ರಿ ಸಡಿಲವಿದ್ದರೆ, ಒಂದು ಮೀಟರ್ ತೋಳಿನ ತುದಿಯಲ್ಲಿ ಅದು ಸುಮಾರು 17 ಮಿಲಿಮೀಟರ್ ಆಗುತ್ತದೆ. ಅಷ್ಟು ತಪ್ಪಿದರೆ ಬೋಲ್ಟು ತೂತಿಗೆ ಇಳಿಯುವುದಿಲ್ಲ. ಎಂ.ಟೆಕ್., ಅಧ್ಯಾಪಕ ವೃತ್ತಿ, ಸಂಸಾರದ ನಡುವೆ ತೆವಳುತ್ತ ಮುಗಿದ ಪಿಎಚ್‌.ಡಿ., ಎಲ್ಲವೂ ಈ ಸಡಿಲದ ಸುತ್ತಲೇ ನಡೆದವು.

ಪ್ರಯೋಗಾಲಯ ಕಟ್ಟಿದ್ದು ಗುಜರಿ ಅಂಗಡಿಯ ಕೃಪೆಯಿಂದ. ಹೊಸ ಮೋಟಾರಿಗೆ ಹಣವಿಲ್ಲ ಎಂದಾಗ ಹಳೆಯ ಲಾರಿ, ಕಾರುಗಳ ವೈಪರ್ ಮೋಟಾರುಗಳನ್ನು ಆರಿಸಿ ತಂದೆವು. ಅವುಗಳಲ್ಲಿ ವರ್ಮ್ ಗೇರ್ ಇರುತ್ತದೆ. ಮೋಟಾರು ತೋಳನ್ನು ತಿರುಗಿಸುತ್ತದೆಯೇ ಹೊರತು ತೋಳಿನ ಭಾರ ಮೋಟಾರನ್ನು ತಿರುಗಿಸಲಾರದು. ಹಾಗಾಗಿ ಕರೆಂಟ್ ಹೋದರೂ ತೋಳು ದೊಪ್ಪೆಂದು ಬೀಳುವುದಿಲ್ಲ. ಎಲೆಕ್ಟ್ರಾನಿಕ್ಸ್ ಬಿಡಿಭಾಗಗಳಿಗೆ ಮಾತ್ರ ಬೆಂಗಳೂರಿನ ಎಸ್.ಪಿ. ರಸ್ತೆಯೇ ಗತಿ. ಚೀಲ ತುಂಬಿಕೊಂಡು ರಾತ್ರಿ ರಾಣಿ ಚೆನ್ನಮ್ಮ ಎಕ್ಸ್‌ಪ್ರೆಸ್ ಹತ್ತಿದರೆ ಬೆಳಿಗ್ಗೆ ಹುಬ್ಬಳ್ಳಿ.

ಮೊದಲ ತೋಳನ್ನು ಹತ್ತು ಮಂದಿ ಅತಿಥಿಗಳ ಮುಂದೆ ಚಾಲೂ ಮಾಡಿದಾಗ ಅದು ಒಮ್ಮೆ ಬೆದರಿ ಸುಮ್ಮನಾಯಿತು. ಮತ್ತೆ ಒತ್ತಿದೆ, ಮತ್ತೆ ಅದೇ. ಅತಿಥಿಗಳು ಚಹಾಕ್ಕೆ ಎದ್ದರು. ಪ್ರೋಗ್ರಾಮ್‌ನ ಸಾಲು ಸಾಲು ಹುಡುಕಿದರೂ ತಪ್ಪು ಸಿಗಲಿಲ್ಲ. ರಾತ್ರಿ ಅಪ್ಪನಿಗೆ ಫೋನ್ ಮಾಡಿದೆ. "ಹಿಟ್ಟಿನ ಗಿರಣಿ ಶುರುವಾದಾಗ ಓಣಿಯ ಬಲ್ಬು ಮಂಕಾಗುವುದನ್ನು ನೋಡಿಲ್ಲವೇನೋ?" ಎಂದರು. ಮೋಟಾರು ನಿಂತಲ್ಲಿಂದ ಏಳುವಾಗ, ಓಡುವಾಗ ಎಳೆಯುವುದಕ್ಕಿಂತ ಹಲವು ಪಟ್ಟು ಕರೆಂಟ್ ಎಳೆಯುತ್ತದೆ. ಮೋಟಾರಿಗೂ ಅದಕ್ಕೆ ಆಜ್ಞೆ ಕೊಡುವ ಕಂಟ್ರೋಲರಿಗೂ ಒಂದೇ ಬ್ಯಾಟರಿ ಕೊಟ್ಟಿದ್ದೆವು. ವೋಲ್ಟೇಜ್ ಕುಸಿದು ಕಂಟ್ರೋಲರ್ ಪ್ರತಿ ಸಲ ನಿದ್ದೆಯಿಂದೆದ್ದವನಂತೆ ಮೊದಲಿನಿಂದ ಶುರು ಮಾಡುತ್ತಿತ್ತು. ಎರಡು ಬ್ಯಾಟರಿ ಹಾಕಿ, ಗ್ರೌಂಡ್ ತಂತಿ ಮಾತ್ರ ಒಂದಾಗಿಸಿದೆವು. ಕೆಲಸವಾಯಿತು. ಅತಿಥಿಗಳು ಮತ್ತೆ ಬರಲಿಲ್ಲ.

ಅಂದಿನಿಂದ ಮೌಖಿಕ ಪರೀಕ್ಷೆಯಲ್ಲಿ ನನ್ನದು ಒಂದೇ ಪ್ರಶ್ನೆ. ವಿದ್ಯಾರ್ಥಿಯ ರೋಬೋಟ್‌ನಿಂದ ಒಂದು ತಂತಿ ಕಿತ್ತು, ಈಗ ನಡೆಸಿ ತೋರಿಸು ಎನ್ನುತ್ತೇನೆ. ಪ್ರಾಜೆಕ್ಟನ್ನು ದುಡ್ಡು ಕೊಟ್ಟು ತಂದವರ ಮುಖ ಅಲ್ಲೇ ಬಾಡುತ್ತದೆ. ಇದಕ್ಕಾಗಿ ನನ್ನನ್ನು ಬೈದುಕೊಳ್ಳುವವರಿದ್ದಾರೆ, ಬೈದುಕೊಳ್ಳಲಿ.

ಹೊಲಕ್ಕೆ ಇಳಿದದ್ದು ತಡವಾಗಿ. ಅಣ್ಣಿಗೇರಿ ಕಡೆಯ ಎರೆಭೂಮಿಯಲ್ಲಿ ಹತ್ತಿ ಸಾಲುಗಳ ನಡುವೆ ಎಡೆಕುಂಟೆ ಹೊಡೆಯುವ ಸಣ್ಣ ರೋಬೋಟ್ ಮಾಡಬೇಕೆಂದು ನಾಲ್ವರು ವಿದ್ಯಾರ್ಥಿಗಳು ಹೊರಟರು. ಒಬ್ಬನ ಸೋದರಮಾವನ ಹೊಲ. ನಾವೆಲ್ಲ ಅವರನ್ನು ಕಾಕಾ ಎನ್ನುತ್ತೇವೆ. ಸಸಿಗಳು ದೊಡ್ಡದಾಗಿ ಕಾಣಲಿ ಎಂದು ಕ್ಯಾಮೆರಾವನ್ನು ಕೆಳಗೆ, ಗಾಲಿಯ ಸಮೀಪವೇ ಕಟ್ಟಿದ್ದೆವು. ರೋಬೋಟ್ ಎಡಕ್ಕೆ ವಾಲಿತು, ತಿದ್ದಿಕೊಳ್ಳಲು ಹೋಗಿ ಬಲಕ್ಕೆ ಇನ್ನೂ ಹೆಚ್ಚು ವಾಲಿತು. ಎರಡು ವಾರ ಸ್ಟಿಯರಿಂಗಿನ ಗೇನ್, ಅಂದರೆ ದಾರಿ ತಪ್ಪಿದಾಗ ಎಷ್ಟು ಜೋರಾಗಿ ತಿರುಗಬೇಕೆಂಬ ಅಳತೆ, ಏರಿಸಿದೆವು, ಇಳಿಸಿದೆವು. ಏರಿಸಿದರೆ ಕುಣಿಯುತ್ತಿತ್ತು, ಇಳಿಸಿದರೆ ಸಾಲು ಬಿಟ್ಟು ಹೋಗುತ್ತಿತ್ತು.

ಕಾಕಾ ಬದುವಿನ ಮೇಲೆ ಕೂತು ಎಲೆ ಅಡಿಕೆ ಹಾಕಿಕೊಳ್ಳುತ್ತ ಎಲ್ಲವನ್ನೂ ನೋಡುತ್ತಿದ್ದರು. ಕೊನೆಗೆ ಎದ್ದು ಬಂದರು. "ಸರ್, ಇದು ಎಲ್ಲಿ ನೋಡಿಕೊಂಡು ನಡೆಯುತ್ತದೆ?"

ತೋರಿಸಿದೆ. ಗಾಲಿಯಿಂದ ಒಂದು ಗೇಣು ಮುಂದೆ.

"ಅದಕ್ಕೇ. ಎತ್ತಿನ ಕಾಲು ನೋಡಿಕೊಂಡು ಕುಂಟೆ ಹಿಡಿದರೆ ಸಾಲು ಹಾವಾಗುತ್ತದೆ. ಮುಂದಿನ ಸಸಿ ನೋಡಬೇಕು, ಆಚೆಯ ಬದು ನೋಡಬೇಕು."

ವಿದ್ಯಾರ್ಥಿಗಳು ನನ್ನ ಮುಖ ನೋಡಿದರು. ಪ್ಯೂರ್ ಪರ್ಸ್ಯೂಟ್ ಎಂಬ ವಿಧಾನವನ್ನು ನಾನು ಪ್ರತಿ ವರ್ಷ ಬೋರ್ಡಿನ ಮೇಲೆ ಬರೆಯುತ್ತೇನೆ. ನಡೆಯುವ ದಾರಿಯಲ್ಲಿ ತುಸು ಮುಂದಿನ ಒಂದು ಬಿಂದುವನ್ನು ಗುರಿಯಾಗಿಸಿ, ಅದರತ್ತ ಕಮಾನಿನಂತೆ ಬಾಗುತ್ತ ಹೋಗಬೇಕು. ಬಿಂದು ತೀರ ಹತ್ತಿರವಿದ್ದರೆ ಓಲಾಟ, ತೀರ ದೂರವಿದ್ದರೆ ತಿರುವನ್ನು ಕತ್ತರಿಸಿ ಸಸಿ ತುಳಿಯುವುದು. ಪರೀಕ್ಷೆಯಲ್ಲಿ ಕೇಳಿದ ಪ್ರಶ್ನೆ ಅದು, ಅಂಕವನ್ನೂ ಕೊಟ್ಟಿದ್ದೆ. ಮೇಲಾಗಿ ಕ್ಯಾಮೆರಾ ಕಂಡ ಚಿತ್ರ ಲೆಕ್ಕವಾಗಿ ಗಾಲಿಗೆ ತಲುಪುವಷ್ಟರಲ್ಲಿ ನಮ್ಮ ರೋಬೋಟ್ ಆ ಗೇಣನ್ನು ದಾಟಿಯೇ ಬಿಟ್ಟಿರುತ್ತಿತ್ತು. ಅಂದೇ ಬಿದಿರಿನ ಕೋಲು ಕಟ್ಟಿ ಕ್ಯಾಮೆರಾವನ್ನು ಎದೆಯೆತ್ತರಕ್ಕೆ ಏರಿಸಿದೆವು. ನೋಟ ಒಂದೂಕಾಲು ಮೀಟರ್ ಮುಂದಕ್ಕೆ ಹೋಯಿತು. ಸಾಲು ನೆಟ್ಟಗಾಯಿತು. ಗೇನ್ ಮುಟ್ಟಬೇಕಾಗಲೇ ಇಲ್ಲ.

ಎರೆಮಣ್ಣು ಅಷ್ಟು ಸುಲಭಕ್ಕೆ ಒಲಿದಿಲ್ಲ. ಮಳೆಯಾದ ಮರುದಿನ ಗಾಲಿಗೆ ಮೆತ್ತುತ್ತದೆ, ಮೆತ್ತಿದ್ದು ಬೆಳೆಯುತ್ತದೆ. 30 ಸೆಂಟಿಮೀಟರ್ ವ್ಯಾಸದ ಗಾಲಿಗೆ ಸುತ್ತಲೂ ಎರಡು ಸೆಂಟಿಮೀಟರ್ ಮಣ್ಣು ಅಂಟಿದರೆ ಅದು 34 ಆಗುತ್ತದೆ. ಎನ್‌ಕೋಡರ್ ಎಣಿಸುವುದು ಸುತ್ತುಗಳನ್ನು, ಮಣ್ಣನ್ನಲ್ಲ. ನೂರು ಮೀಟರ್ ಬಂದೆ ಎಂದು ರೋಬೋಟ್ ತಿಳಿದಾಗ ಅದು 113 ಮೀಟರ್ ದಾಟಿ ಪಕ್ಕದವರ ಹೊಲದಲ್ಲಿರುತ್ತದೆ. ಈ ವರ್ಷದ ತಂಡದ ಹುಡುಗಿಯೊಬ್ಬಳು ಗಾಲಿಗೆ ತಗಲುವಂತೆ ಹಳೆಯ ಗರಗಸದ ಪಟ್ಟಿ ಕೂರಿಸಿ ಮಣ್ಣು ಕೆರೆಯುವ ಉಪಾಯ ಮಾಡಿದ್ದಾಳೆ. ಪ್ರಯೋಗಾಲಯದ ಟ್ರೇನಲ್ಲಿ ಚೆನ್ನಾಗಿ ಕೆರೆಯುತ್ತದೆ. ಟ್ರೇನ ಮಣ್ಣನ್ನು ನಾನು ನಂಬುವುದಿಲ್ಲ.

ನಿನ್ನೆ ಸಂಜೆ ಕಾಕಾ ಫೋನ್ ಮಾಡಿದ್ದರು. ಮಳೆ ನಿಂತು ಎರಡು ದಿನವಾಗಿದೆಯಂತೆ, ಎತ್ತು ಇಳಿಸುವ ಹದ ಇನ್ನೂ ಬಂದಿಲ್ಲವಂತೆ. "ಹಾಗಾದರೆ ನಾಳೆಯೇ ಬರುತ್ತೇವೆ, ಕಾಕಾ" ಎಂದೆ.