ಬಿಸಿಯಾದಾಗ ಮಾತ್ರ ನಿಂತುಹೋಗುವ ಎಂಜಿನ್: ಕ್ರ್ಯಾಂಕ್‌ಶಾಫ್ಟ್ ಸೆನ್ಸರ್ ಪತ್ತೆ ಹಚ್ಚಿ ಬದಲಾಯಿಸಿದ ನನ್ನ ಅನುಭವ

ಸದಾಕಾಲ ಕೆಟ್ಟಿರುವ ಗಾಡಿಯನ್ನು ರಿಪೇರಿ ಮಾಡುವುದು ಸುಲಭ. ರಸ್ತೆಯಲ್ಲಿ ನಿಂತು, ಗ್ಯಾರೇಜಿಗೆ ಬರುವಷ್ಟರಲ್ಲಿ ತಾನಾಗಿ ಸರಿಹೋಗುವ ಗಾಡಿಯದ್ದೇ ನಿಜವಾದ ತಲೆನೋವು. ನಮ್ಮ ಮನೆಯದು 2014ರ ತಯಾರಿಕೆಯ, ನಾಲ್ಕು ಸಿಲಿಂಡರಿನ 1.2 ಲೀಟರ್ ಪೆಟ್ರೋಲ್ ಎಂಜಿನ್ನಿನ ಹ್ಯಾಚ್‌ಬ್ಯಾಕ್. ಹಾಸನದ ಬೆಳಗಿನ ಚಳಿಯಲ್ಲಿ ಒಂದೇ ಸೆಲ್ಫಿಗೆ ಚಾಲೂ ಆಗುತ್ತಿದ್ದ ಈ ಗಾಡಿ, ಬೇಸಿಗೆ ಏರುತ್ತಿದ್ದಂತೆ, ಮುಕ್ಕಾಲು ಗಂಟೆ ಓಡಿದ ಮೇಲೆ, ಅದರಲ್ಲೂ ಶಿರಾಡಿ ಘಾಟಿಯಲ್ಲಿ ಲಾರಿಗಳ ಹಿಂದೆ ಎರಡನೇ ಗೇರಿನಲ್ಲಿ ಹತ್ತುವಾಗ, ಸ್ವಿಚ್ ಆರಿಸಿದಂತೆ ನಿಂತುಬಿಡುತ್ತಿತ್ತು. ನಿಂತ ಮೇಲೆ ಸೆಲ್ಫ್ ಚೆನ್ನಾಗಿಯೇ ತಿರುಗುತ್ತಿತ್ತು, ಆದರೆ ಎಂಜಿನ್ ಹತ್ತಿಕೊಳ್ಳುತ್ತಿರಲಿಲ್ಲ. ಬಾನೆಟ್ ತೆರೆದಿಟ್ಟು ಅರ್ಧ ಗಂಟೆ ಕಾದರೆ ಏನೂ ಆಗಿಯೇ ಇಲ್ಲವೆಂಬಂತೆ ಮತ್ತೆ ಹೊರಡುತ್ತಿತ್ತು.

ಮೊದಲು ತೋರಿಸಿದ ಗ್ಯಾರೇಜಿನಲ್ಲಿ ಪೆಟ್ರೋಲ್ ಪಂಪ್ ಹೋಗಿದೆ, ಟ್ಯಾಂಕ್ ಇಳಿಸಿ ಹೊಸ ಪಂಪ್ ಹಾಕಬೇಕು ಎಂದರು. ಆ ಸಲಹೆಗೆ ಆಧಾರವಿರಲಿಲ್ಲ ಎನ್ನಲಾರೆ. ಗಾಡಿ ನಿಂತ ಸ್ಥಿತಿಯಲ್ಲಿ ಸೆಲ್ಫ್ ಹೊಡೆಯುವಾಗ ಪಂಪಿಗೆ ವಿದ್ಯುತ್ತೇ ಬರುತ್ತಿರಲಿಲ್ಲ, ಅದನ್ನು ನಾನೂ ಅಳೆದು ನೋಡಿದ್ದೆ. ಆದರೆ ಈ ಬಗೆಯ ಎಂಜಿನ್ನಿನಲ್ಲಿ ಪಂಪಿಗೆ ವಿದ್ಯುತ್ ಕೊಡುವ ಸ್ವಿಚ್ಚಾದ ರಿಲೇಯನ್ನು ಎಳೆಯುವುದು ಇಸಿಯು, ಅಂದರೆ ಎಂಜಿನ್ನನ್ನು ನಿಯಂತ್ರಿಸುವ ಕಂಪ್ಯೂಟರ್. ಕೀ ಆನ್ ಮಾಡಿದಾಗ ಅದು ಸುಮಾರು ಎರಡು ಸೆಕೆಂಡು ಪಂಪನ್ನು ಓಡಿಸಿ ಒತ್ತಡ ತುಂಬಿಸುತ್ತದೆ. ಆಮೇಲೆ ಎಂಜಿನ್ ತಿರುಗುತ್ತಿದೆ ಎಂಬ ಖಾತ್ರಿ ಸಿಕ್ಕರೆ ಮಾತ್ರ ಪಂಪ್ ಮುಂದುವರಿಯುತ್ತದೆ, ಇಲ್ಲದಿದ್ದರೆ ನಿಲ್ಲುತ್ತದೆ. ಅಪಘಾತದಲ್ಲಿ ಎಂಜಿನ್ ನಿಂತಮೇಲೂ ಪಂಪ್ ಪೆಟ್ರೋಲ್ ಸುರಿಯುತ್ತಲೇ ಇರಬಾರದು ಎಂಬುದೂ ಇದಕ್ಕೆ ಒಂದು ಕಾರಣ. ಎಂಜಿನ್ ತಿರುಗುತ್ತಿದೆ ಎಂದು ಇಸಿಯುಗೆ ಹೇಳುವುದು, ಪಿಸ್ಟನ್‌ಗಳು ತಿರುಗಿಸುವ ಎಂಜಿನ್ನಿನ ಮುಖ್ಯ ದಂಡದ ಬಳಿ ಕೂರುವ ಕ್ರ್ಯಾಂಕ್‌ಶಾಫ್ಟ್ ಸೆನ್ಸರ್. ಅದರ ಸಂಕೇತ ತಪ್ಪಿದರೆ ಪಂಪ್, ಇಂಜೆಕ್ಟರ್, ಕಿಡಿ ಮೂರೂ ಒಟ್ಟಿಗೆ ನಿಲ್ಲುತ್ತವೆ. ನಮ್ಮ ಗಾಡಿಯಲ್ಲಿ ಕೀ ಆನ್ ಮಾಡಿದಾಗ ಹಿಂದಿನ ಸೀಟಿನ ಕೆಳಗಿನಿಂದ ಪಂಪಿನ ಗುಂಯ್ ಸದ್ದು ಆ ಎರಡು ಸೆಕೆಂಡು ಸರಿಯಾಗಿಯೇ ಕೇಳುತ್ತಿತ್ತು. ಆದ್ದರಿಂದ ಪಂಪಿನ ಮೇಲಿನ ಆರೋಪವನ್ನು ನಾನು ಒಪ್ಪಲಿಲ್ಲ.

ನನ್ನ ಅನುಮಾನವನ್ನು ಗಟ್ಟಿ ಮಾಡಿದ್ದು ಆರ್‌ಪಿಎಂ ಮುಳ್ಳು. ಗೇರಿನಲ್ಲಿದ್ದು, ಕ್ಲಚ್ ಬಿಟ್ಟು, ಗಾಡಿ ಇನ್ನೂ ಚಲಿಸುತ್ತಿರುವಾಗ ಎಂಜಿನ್ ಆರಿದರೂ ಚಕ್ರಗಳೇ ಅದನ್ನು ತಿರುಗಿಸುತ್ತಿರುತ್ತವೆ. ದೋಷ ಪೆಟ್ರೋಲಿನದೋ ಕಿಡಿಯದೋ ಆಗಿದ್ದರೆ ಆ ಹೊತ್ತಿನಲ್ಲೂ ಮುಳ್ಳು ನಿಜವಾದ ವೇಗವನ್ನು ತೋರಿಸುತ್ತಾ ನಿಧಾನವಾಗಿ ಇಳಿಯಬೇಕು. ನಮ್ಮಲ್ಲಿ ಮುಳ್ಳು 1,800ರಿಂದ ನೇರವಾಗಿ ಸೊನ್ನೆಗೆ ಬಿದ್ದಿತು, ಎಂಜಿನ್ ತಿರುಗುತ್ತಿರುವುದು ಮಾತ್ರ ಕಾಲಿಗೆ ತಿಳಿಯುತ್ತಿತ್ತು. ಡ್ಯಾಶ್‌ಬೋರ್ಡಿನ ಮುಳ್ಳು ಇಸಿಯು ಹೇಳಿದ್ದನ್ನೇ ತೋರಿಸುವುದರಿಂದ, ಎಂಜಿನ್ ನಿಂತಿದೆ ಎಂದು ಇಸಿಯು ಭಾವಿಸಿತ್ತು ಎಂದೇ ಇದರ ಅರ್ಥ. ಪೆಟ್ರೋಲ್ ಸಾಲದೆ ಆರುವ ಎಂಜಿನ್ ಸಾಮಾನ್ಯವಾಗಿ ಮೊದಲು ಎಳೆತ ಕಳೆದುಕೊಂಡು, ಕೆಮ್ಮಿ, ಆಮೇಲೆ ಆರುತ್ತದೆ. ಇಲ್ಲಿ ಅಂಥ ಯಾವ ಮುನ್ಸೂಚನೆಯೂ ಇರಲಿಲ್ಲ.

ಈ ಸೆನ್ಸರಿನ ಕೆಲಸವನ್ನು ಸ್ವಲ್ಪ ವಿವರಿಸದೆ ಮುಂದಿನ ಅಳತೆಗಳು ಅರ್ಥವಾಗುವುದಿಲ್ಲ. ಕ್ರ್ಯಾಂಕ್‌ಶಾಫ್ಟಿನ ಜೊತೆಗೇ ತಿರುಗುವ, ಹಲ್ಲುಗಳಿರುವ ಒಂದು ಉಕ್ಕಿನ ಬಳೆ ಫ್ಲೈವೀಲಿನ ಬಳಿಯಲ್ಲೋ ಮುಂದಿನ ಪುಲ್ಲಿಯ ಬಳಿಯಲ್ಲೋ ಇರುತ್ತದೆ. ಬಹಳ ಎಂಜಿನ್‌ಗಳಲ್ಲಿ ಅದರಲ್ಲಿ 60 ಹಲ್ಲುಗಳಿಗೆ ಜಾಗವಿದ್ದು, ಎರಡನ್ನು ಬೇಕೆಂದೇ ಬಿಟ್ಟು 58 ಹಲ್ಲುಗಳನ್ನು ಮಾತ್ರ ಇಟ್ಟಿರುತ್ತಾರೆ. ಒಂದೊಂದು ಹಲ್ಲು 6 ಡಿಗ್ರಿಗೆ ಸಮ, ಬಿಟ್ಟ ಖಾಲಿ ಜಾಗ ಒಂದು ಸುತ್ತಿನ ಗುರುತು. ಆ ಖಾಲಿ ಜಾಗದಿಂದ ಎಣಿಸಿಯೇ ಪಿಸ್ಟನ್ ಎಲ್ಲಿದೆ, ಕಿಡಿ ಯಾವಾಗ ಹಾರಬೇಕು ಎಂಬುದನ್ನು ಇಸಿಯು ನಿರ್ಧರಿಸುತ್ತದೆ. ನಮ್ಮ ಗಾಡಿಯದು ಹಳೆಯ ಬಗೆಯ, ಕಾಯಿಲ್ ಇರುವ ಸೆನ್ಸರ್: ಒಂದು ಅಯಸ್ಕಾಂತ, ಅದರ ಸುತ್ತ ಕೂದಲಿನಷ್ಟು ತೆಳುವಾದ ತಾಮ್ರದ ತಂತಿಯ ಸಾವಿರಾರು ಸುತ್ತುಗಳು. ಹಲ್ಲು ಎದುರಿಗೆ ಹಾದುಹೋದಾಗಲೆಲ್ಲ ಕಾಂತಕ್ಷೇತ್ರ ಬದಲಾಗಿ ಸಣ್ಣ ಎಸಿ ವೋಲ್ಟೇಜ್ ಹುಟ್ಟುತ್ತದೆ. ಇದಕ್ಕೆ ಹೊರಗಿನಿಂದ ವಿದ್ಯುತ್ ಬೇಕಿಲ್ಲ. ಅದರ ಕನೆಕ್ಟರಿನಲ್ಲಿ ಮೂರು ಪಿನ್ನುಗಳಿದ್ದವು, ಆದರೆ ಮೂರನೆಯದು ತಂತಿಗಳ ಮೇಲಿನ ರಕ್ಷಾಜಾಲಕ್ಕೆ ಸೇರಿದ್ದು. ಮೂರು ಪಿನ್ ಕಂಡೊಡನೆ ಅದನ್ನು ಹೊರಗಿನ ವಿದ್ಯುತ್ತಿನಿಂದ ನಡೆಯುವ, ಚಿಪ್ ಇರುವ ಹಾಲ್ ಸೆನ್ಸರ್ ಎಂದುಕೊಳ್ಳುವವರು ಬಹಳ ಮಂದಿ ಇರುವುದರಿಂದ ಇದನ್ನು ಒತ್ತಿ ಹೇಳುತ್ತಿದ್ದೇನೆ. ವೈರಿಂಗ್ ನಕ್ಷೆ ನೋಡಿಯೇ ತೀರ್ಮಾನಿಸಬೇಕು.

ಸ್ಟೀರಿಂಗ್ ಕೆಳಗಿನ 16 ಪಿನ್ನಿನ ಒಬಿಡಿ (ಇಸಿಯು ದಾಖಲಿಸಿದ ದೋಷಗಳನ್ನು ಓದುವ) ಸಾಕೆಟ್ಟಿಗೆ ಬ್ಲೂಟೂತ್ ಅಡಾಪ್ಟರ್ ಹಾಕಿ ಮೊಬೈಲಿನಲ್ಲಿ ನೋಡಿದಾಗ, ಚೆಕ್ ಎಂಜಿನ್ ದೀಪ ಉರಿಯದಿದ್ದರೂ, ಪಿ0335 ಎಂಬ ಕೋಡ್ ಇನ್ನೂ ಖಚಿತವಾಗದ ಕೋಡ್‌ಗಳ ಪಟ್ಟಿಯಲ್ಲಿ ಕುಳಿತಿತ್ತು. ಕ್ರ್ಯಾಂಕ್ ಸೆನ್ಸರಿನ ಸರ್ಕ್ಯೂಟಿನಲ್ಲಿ ದೋಷ ಎಂಬುದಷ್ಟೇ ಅದರ ಹೇಳಿಕೆ. ದೋಷ ಸೆನ್ಸರಿನದೇ, ತಂತಿಯದೇ, ಕನೆಕ್ಟರಿನದೇ, ಹಲ್ಲಿನ ಬಳೆಯದೇ ಎಂಬುದನ್ನು ಕೋಡ್ ಹೇಳುವುದಿಲ್ಲ. ಕೋಡ್ ಕಂಡ ಕೂಡಲೇ ಸೆನ್ಸರ್ ತಂದು ಹಾಕಿ, ಆಮೇಲೂ ಗಾಡಿ ನಿಂತಾಗ ಇಸಿಯುವನ್ನೇ ದೂರುವ ಪದ್ಧತಿ ನನಗೆ ಒಪ್ಪಿಗೆಯಿಲ್ಲ. ಸಂಕೇತ ತಪ್ಪಿದ ಗಳಿಗೆಯಲ್ಲೇ, ತಪ್ಪಿದ ಜಾಗವನ್ನು ಮೀಟರಿನಿಂದ ಹಿಡಿಯದೆ ಯಾವ ಬಿಡಿಭಾಗವನ್ನೂ ಕೊಳ್ಳಬಾರದೆಂದು ನಿಶ್ಚಯಿಸಿದೆ.

ಮೊದಲು ತಣ್ಣಗಿರುವಾಗಿನ ಅಳತೆ. ಸೆನ್ಸರಿನ ಕನೆಕ್ಟರ್ ಬಿಚ್ಚಿ ಸಂಕೇತದ ಎರಡು ಪಿನ್ನುಗಳ ನಡುವೆ ರೋಧ ಅಳೆದರೆ 870 ಓಮ್ ಬಂತು. ಈ ಬಗೆಯ ಸೆನ್ಸರುಗಳಲ್ಲಿ ಸಾಮಾನ್ಯವಾಗಿ ಕೆಲವು ನೂರು ಓಮ್‌ನಿಂದ ಒಂದೂವರೆ ಸಾವಿರದವರೆಗೆ ಇರುತ್ತದೆ. ಸರಿಯಾದ ಸಂಖ್ಯೆ ಆಯಾ ಗಾಡಿಯ ಸರ್ವಿಸ್ ಪುಸ್ತಕದಲ್ಲಿರುತ್ತದೆ. ಒಂದೊಂದು ಪಿನ್ನಿನಿಂದ ಎಂಜಿನ್ ಬಾಡಿಗೆ ಅಳೆದಾಗ ಸಂಪರ್ಕವೇ ಇರಲಿಲ್ಲ, ಅದು ಹಾಗೆಯೇ ಇರಬೇಕು. ಮೀಟರನ್ನು ಎಸಿ ವೋಲ್ಟಿಗೆ ಇಟ್ಟು, ಸಹಾಯಕ್ಕೆ ಬಂದ ಗೆಳೆಯನಿಂದ ಸೆಲ್ಫ್ ಹೊಡೆಸಿದಾಗ 0.8 ವೋಲ್ಟ್ ಆಸುಪಾಸು ಬಂತು. ಅಂದರೆ ತಣ್ಣಗಿರುವಾಗ ಸೆನ್ಸರ್ ನೂರಕ್ಕೆ ನೂರು ಸರಿ. ಇಲ್ಲಿಗೆ ಪರೀಕ್ಷೆ ನಿಲ್ಲಿಸಿದವರು ಸೆನ್ಸರ್ ಚೆನ್ನಾಗಿದೆ ಎಂದು ಬರೆದುಕೊಟ್ಟು ಪಂಪ್ ಬದಲಾಯಿಸಲು ಹೊರಡುತ್ತಾರೆ.

ಬಿಸಿಯ ಅಳತೆಗಾಗಿ ಗಾಡಿ ನಿಲ್ಲುವುದನ್ನೇ ಕಾಯಬೇಕಾಯಿತು. ಮೀಟರ್, ಉದ್ದ ತಂತಿಯ ಪ್ರೋಬ್‌ಗಳು, ದಪ್ಪ ಕೈಗವಸು ಇವನ್ನು ಮುಂದಿನ ಸೀಟಿನಲ್ಲಿಟ್ಟುಕೊಂಡು ಮಧ್ಯಾಹ್ನದ ಬಿಸಿಲಿನಲ್ಲೇ ಸಕಲೇಶಪುರದ ಕಡೆಗೆ ಹೊರಟೆ. ನಿರೀಕ್ಷಿಸಿದಂತೆ ಗಾಡಿ ನಿಂತಿತು. ರಸ್ತೆಯ ಅಂಚಿಗೆ ಪೂರ್ತಿ ಸರಿಸಿ, ತ್ರಿಕೋನದ ಎಚ್ಚರಿಕೆ ಫಲಕವನ್ನು ಹಿಂದೆ ಇಟ್ಟು, ಮೊದಲು ಮೊಬೈಲಿನಲ್ಲಿ ಲೈವ್ ಡೇಟಾ ನೋಡಿದೆ. ಸೆಲ್ಫ್ ತಿರುಗುತ್ತಿರುವಾಗ 150ರಿಂದ 250ರವರೆಗೆ ಕಾಣಬೇಕಿದ್ದ ಆರ್‌ಪಿಎಂ ಸೊನ್ನೆಯಲ್ಲೇ ಇತ್ತು. ಕನೆಕ್ಟರ್ ಎಳೆದು ಅಳೆದರೆ ಮೀಟರಿನಲ್ಲಿ ಓಎಲ್ ಎಂದು ಬಂತು, ಎಂದರೆ ಕಾಯಿಲಿನ ತಂತಿ ಎಲ್ಲೋ ತುಂಡಾಗಿದೆ. ಪ್ರೋಬ್‌ಗಳನ್ನು ಹಾಗೆಯೇ ಹಿಡಿದು ಕಾದೆ. ಬಹಳ ಹೊತ್ತು ಅದೇ ಓಎಲ್. ಆಮೇಲೆ ಸಂಖ್ಯೆಗಳು ಒಂದೆರಡು ಬಾರಿ ಮಿನುಗಿ ಮಾಯವಾದವು, ಮತ್ತೆ ಬಂದು 1,070ರ ಆಸುಪಾಸಿನಲ್ಲಿ ನಿಂತು, ಅಲ್ಲಿಂದ ನಿಧಾನವಾಗಿ ಇಳಿಯತೊಡಗಿದವು. ಕನೆಕ್ಟರ್ ಹಾಕಿ ಕೀ ತಿರುಗಿಸಿದೆ, ಎಂಜಿನ್ ಹತ್ತಿಕೊಂಡಿತು.

ಆ 1,070 ಎಂಬ ಸಂಖ್ಯೆಯಲ್ಲಿ ದೋಷವೇನೂ ಇಲ್ಲ. ತಾಮ್ರದ ರೋಧ ಪ್ರತಿ ಡಿಗ್ರಿ ಸೆಲ್ಸಿಯಸ್‌ಗೆ ಸುಮಾರು ಶೇ. 0.39ರಷ್ಟು ಏರುತ್ತದೆ. 25 ಡಿಗ್ರಿಯಲ್ಲಿ 870 ಓಮ್ ಇದ್ದ ಕಾಯಿಲ್ 85 ಡಿಗ್ರಿಯಲ್ಲಿ 1,070ರಷ್ಟು ತೋರಿಸುವುದು ಸಹಜವೇ. ದೋಷವಿದ್ದದ್ದು ಅದಕ್ಕೂ ಮೇಲಿನ ಬಿಸಿಯಲ್ಲಿ. ತಂತಿಯ ಸುತ್ತ ತುಂಬಿದ ಪ್ಲಾಸ್ಟಿಕ್ ತಾಮ್ರಕ್ಕಿಂತ ಹೆಚ್ಚು ಹಿಗ್ಗುತ್ತದೆ, ವರ್ಷಗಟ್ಟಲೆ ಹಿಗ್ಗಿ ಕುಗ್ಗಿ ತಂತಿಯನ್ನೋ ಅದರ ಬೆಸುಗೆಯನ್ನೋ ಬಿರಿಯುವಂತೆ ಮಾಡುತ್ತದೆ. ತಣ್ಣಗಾದಾಗ ತುದಿಗಳು ಮತ್ತೆ ಒಂದಕ್ಕೊಂದು ತಾಗುತ್ತವೆ. ಆದರೂ ತಂತಿಗಳ ಕಡೆಯನ್ನು ಬಿಡಲಿಲ್ಲ. ಮನೆಗೆ ಬಂದು ಬ್ಯಾಟರಿ ಕಳಚಿ, ಕನೆಕ್ಟರಿನಿಂದ ಇಸಿಯುವರೆಗೆ ಎರಡೂ ತಂತಿಗಳನ್ನು ಅಳೆದು, ಅಳೆಯುವಾಗಲೇ ಉದ್ದಕ್ಕೂ ಅಲುಗಾಡಿಸಿ ನೋಡಿದೆ. ಅವು ಸರಿಯಾಗಿದ್ದವು.

ಹೊಸ ಸೆನ್ಸರನ್ನು ಬೆಂಗಳೂರಿನ ಜೆ.ಸಿ. ರಸ್ತೆಯಲ್ಲಿ ಕೊಂಡೆ. ಅಲ್ಲಿ ಅಸಲಿಯ ಮೂರನೇ ಒಂದು ಬೆಲೆಗೆ ನೋಡಲು ಹಾಗೆಯೇ ಇರುವ ಸೆನ್ಸರ್ ಸಿಗುತ್ತದೆ, ಅದನ್ನು ನಾನು ಮುಟ್ಟಲಿಲ್ಲ. ಕಾಯಿಲಿನ ಗುಣಮಟ್ಟ ಹೊರಗಿನಿಂದ ಕಾಣುವ ವಸ್ತುವಲ್ಲ, ಬಿಸಿಯಲ್ಲಿ ಮಾತ್ರ ಅದು ಗೊತ್ತಾಗುವುದು. ಹಳೆಯದರ ಮೈಮೇಲಿನ ಪಾರ್ಟ್ ನಂಬರಿನ ಫೋಟೋ ತೋರಿಸಿ, ಸೆನ್ಸರಿನ ಉದ್ದ ಮತ್ತು ಕನೆಕ್ಟರಿನ ಆಕಾರ ಹೋಲಿಸಿ, ಅಂಗಡಿಯ ಕಟ್ಟೆಯ ಮೇಲೇ ಮೀಟರ್ ಹಿಡಿದು ಓಮ್ ಅಳೆದುಕೊಂಡೆ. ಅಂಗಡಿಯವರು ವಿಚಿತ್ರವಾಗಿ ನೋಡಿದರು, ಬೇಡವೆನ್ನಲಿಲ್ಲ.

ಬದಲಾಯಿಸುವ ಕೆಲಸದಲ್ಲಿ ಕಷ್ಟವಿರುವುದು ಜಾಗದ್ದು ಮಾತ್ರ. ನಮ್ಮ ಗಾಡಿಯಲ್ಲಿ ಸೆನ್ಸರ್ ಬೆಲ್ ಹೌಸಿಂಗ್ (ಫ್ಲೈವೀಲ್ ಮತ್ತು ಕ್ಲಚ್ಚನ್ನು ಮುಚ್ಚುವ ಕವಚ) ಮೇಲೆ, ಎಂಜಿನ್ನಿನ ಹಿಂಬದಿಗೆ, ಬಿಸಿಗಾಳಿ ಸೇರಿಕೊಳ್ಳುವ ಮೂಲೆಯಲ್ಲಿದೆ. ಎಂಜಿನ್ ಪೂರ್ತಿ ತಣ್ಣಗಾದ ಮೇಲೆ ಬ್ಯಾಟರಿಯ ನೆಗೆಟಿವ್ ಕಳಚಿ, ಏರ್ ಫಿಲ್ಟರ್ ಪೆಟ್ಟಿಗೆ ತೆಗೆದರೆ ಕೈ ತೂರುವಷ್ಟು ದಾರಿ ಸಿಗುತ್ತದೆ. ಕೆಳಗಿನಿಂದ ಕೆಲಸ ಮಾಡಬೇಕಾದ ಗಾಡಿಗಳಲ್ಲಿ ಬರೀ ಜ್ಯಾಕ್ ನಂಬಿ ಯಾರೂ ಅಡಿಗೆ ನುಗ್ಗಬಾರದು, ಸ್ಟ್ಯಾಂಡ್ ಇಟ್ಟು ಚಕ್ರಗಳು ಉರುಳದಂತೆ ಅಡ್ಡ ಕೊಡಲೇಬೇಕು. ಸೆನ್ಸರನ್ನು ಹಿಡಿದಿರುವುದು 10 ಎಂಎಂ ಸ್ಪ್ಯಾನರಿನ ಒಂದೇ ಬೋಲ್ಟ್. ಬೋಲ್ಟ್ ಸುಲಭವಾಗಿ ಬಂತು, ಸೆನ್ಸರ್ ಬರಲಿಲ್ಲ. ಓ-ರಿಂಗ್ ಒಣಗಿ, ಅಂಚಿನಲ್ಲಿ ಅಲ್ಯೂಮಿನಿಯಂ ಬೂಷ್ಟು ಕಟ್ಟಿತ್ತು. ತುಕ್ಕು ಬಿಡಿಸುವ ಎಣ್ಣೆ ಹೊಡೆದು ರಾತ್ರಿಯಿಡೀ ಬಿಟ್ಟು, ಮರುದಿನ ಸೆನ್ಸರಿನ, ಬೋಲ್ಟ್ ಕೂರುವ ಕಿವಿಯನ್ನು ಎಡಕ್ಕೂ ಬಲಕ್ಕೂ ಸ್ವಲ್ಪ ಸ್ವಲ್ಪವೇ ತಿರುಗಿಸುತ್ತಾ ಎಳೆದಾಗ ಸಡಿಲವಾಯಿತು. ಸ್ಕ್ರೂಡ್ರೈವರ್ ಕೊಟ್ಟು ಮೀಟಿದರೆ ಪ್ಲಾಸ್ಟಿಕ್ ಮುರಿದು ತುದಿ ಒಳಗೇ ಉಳಿಯುತ್ತದೆ. ಆಗ ಗೇರ್‌ಬಾಕ್ಸ್ ಇಳಿಸುವ ಮಾತು ಬರುತ್ತದೆ.

ಹೊರಬಂದ ಸೆನ್ಸರಿನ ತುದಿಗೆ ಕಬ್ಬಿಣದ ಸಣ್ಣ ಪುಡಿ ಮೀಸೆಯಂತೆ ಅಂಟಿಕೊಂಡಿತ್ತು. ಅಯಸ್ಕಾಂತದ ತುದಿಯಲ್ಲಿ ಕ್ಲಚ್ ಭಾಗದ ಪುಡಿ ಕೂರುವುದು ಸಾಮಾನ್ಯ. ದಪ್ಪಗಿನ ಚೂರುಗಳಿದ್ದಿದ್ದರೆ ಹಲ್ಲಿನ ಬಳೆಯ ಬಗ್ಗೆ ಚಿಂತಿಸಬೇಕಿತ್ತು. ಹೇಗೂ ತೂತು ತೆರೆದಿದೆಯೆಂದು ಗೇರನ್ನು ನ್ಯೂಟ್ರಲ್‌ನಲ್ಲಿಟ್ಟು, ಕ್ರ್ಯಾಂಕ್ ಪುಲ್ಲಿಯ ಬೋಲ್ಟಿಗೆ ಸಾಕೆಟ್ ಹಾಕಿ ಎಂಜಿನ್ನನ್ನು ಅದು ಓಡುವ ದಿಕ್ಕಿಗೇ ಕೈಯಿಂದ ಒಂದು ಸುತ್ತು ತಿರುಗಿಸುತ್ತಾ, ಟಾರ್ಚ್ ಬೆಳಕಿನಲ್ಲಿ ಹಲ್ಲುಗಳನ್ನು ಎಣಿಸಿದೆ. 58 ಹಲ್ಲು, ಒಂದು ಖಾಲಿ ಜಾಗ, ಎಲ್ಲೂ ಮುರಿದಿಲ್ಲ, ಬಾಗಿಲ್ಲ.

ಹೊಸದನ್ನು ಕೂರಿಸುವ ಮೊದಲು ಬೆಲ್ ಹೌಸಿಂಗಿನ ಮೇಲ್ಮೈಯನ್ನು ಒರಟು ಬಟ್ಟೆಯಿಂದ ಉಜ್ಜಿ ಶುಚಿಮಾಡಿದೆ. ಸೆನ್ಸರ್ ತುದಿಗೂ ಹಲ್ಲಿಗೂ ನಡುವಿನ ಅಂತರ ಸಾಮಾನ್ಯವಾಗಿ ಒಂದು ಮಿಲಿಮೀಟರಿನ ಆಸುಪಾಸು. ಕಿವಿಯ ಅಡಿಯಲ್ಲಿ ಬೂಷ್ಟು ಉಳಿದರೆ ಆ ಅಂತರ ಹೆಚ್ಚಿ, ಸೆಲ್ಫ್ ಹೊಡೆಯುವ ನಿಧಾನ ವೇಗದಲ್ಲಿ ಸಂಕೇತ ದುರ್ಬಲವಾಗುತ್ತದೆ. ಓ-ರಿಂಗಿಗೆ ಎಂಜಿನ್ ಆಯಿಲ್ ಸವರಿ, ಸುತ್ತಿಗೆ ತಾಗಿಸದೆ ಹೆಬ್ಬೆರಳಿನಿಂದಲೇ ಒತ್ತಿ ಕೂರಿಸಿ, ಬೋಲ್ಟನ್ನು 8 ನ್ಯೂಟನ್ ಮೀಟರಿಗೆ ಬಿಗಿದೆ. ತಂತಿಯನ್ನು ಹಳೆಯ ಕ್ಲಿಪ್ಪುಗಳಲ್ಲೇ, ಹಳೆಯ ದಾರಿಯಲ್ಲೇ ಒಯ್ಯಬೇಕು. ಸ್ಟಾರ್ಟರಿನ ದಪ್ಪ ಕೇಬಲ್ಲಿಗೋ ಇಗ್ನಿಷನ್ ಕಾಯಿಲಿಗೋ ತಾಗಿದಂತೆ ಹೋದರೆ ಅವುಗಳ ಗದ್ದಲ ಈ ಸಣ್ಣ ಸಂಕೇತದೊಳಗೆ ಸೇರಿಕೊಳ್ಳುತ್ತದೆ. ಕನೆಕ್ಟರ್ ತುಂಡಾಗಿ ಹೊಸದನ್ನು ಬೆಸೆಯಬೇಕಾದವರು ಎರಡು ತಂತಿಗಳನ್ನು ಅದಲುಬದಲು ಮಾಡಬಾರದು. ಓಮ್ ಅಳತೆ ಆಗಲೂ ಸರಿಯಾಗಿಯೇ ಬರುತ್ತದೆ, ಆದರೆ ಸಂಕೇತ ತಲೆಕೆಳಗಾಗಿ ಇಸಿಯು ಖಾಲಿ ಜಾಗವನ್ನು ತಪ್ಪಾಗಿ ಓದುತ್ತದೆ.

ಬ್ಯಾಟರಿ ಜೋಡಿಸಿ ಸೆಲ್ಫ್ ಹೊಡೆದಾಗ ಲೈವ್ ಡೇಟಾದಲ್ಲಿ 210 ಆರ್‌ಪಿಎಂ ಬಂತು, ಎಂಜಿನ್ ಹತ್ತಿಕೊಂಡಿತು, ಕೋಡ್ ಅಳಿಸಿದೆ. ಕೆಲವು ಗಾಡಿಗಳಲ್ಲಿ ಸೆನ್ಸರ್ ಬದಲಾಯಿಸಿದ ಮೇಲೆ ಹೊಸ ಸಂಕೇತವನ್ನು ಸ್ಕ್ಯಾನರಿನ ಮೂಲಕ ಇಸಿಯುಗೆ ಕಲಿಸಬೇಕಾಗುತ್ತದೆ, ನಮ್ಮದಕ್ಕೆ ಅದು ಬೇಕಾಗಲಿಲ್ಲ. ತಣ್ಣಗಿರುವಾಗ ಹಳೆಯದೂ ಸರಿಯಾಗಿತ್ತಾದ್ದರಿಂದ ಅಂಗಳದಲ್ಲಿ ಚಾಲೂ ಆದದ್ದನ್ನು ಪರಿಹಾರವೆಂದು ಎಣಿಸಲಿಲ್ಲ. ಅದೇ ಘಾಟಿಯನ್ನು, ಅದೇ ಮಧ್ಯಾಹ್ನದ ಹೊತ್ತಿನಲ್ಲಿ, ಎಸಿ ಹಾಕಿಕೊಂಡು ಹತ್ತಿ, ಮೇಲೆ ನಿಲ್ಲಿಸಿ, ಎಂಜಿನ್ ಆರಿಸಿ, ಬಿಸಿ ಮೇಲಕ್ಕೆ ಬರಲು ಹತ್ತು ನಿಮಿಷ ಬಿಟ್ಟು ಮತ್ತೆ ಚಾಲೂ ಮಾಡಿದೆ. ಒಮ್ಮೆಯೂ ತಡೆಯಲಿಲ್ಲ. ಹಳೆಯ ಸೆನ್ಸರನ್ನು ಮೇಜಿನ ಮೇಲಿಟ್ಟು ಮೀಟರ್ ಸಿಕ್ಕಿಸಿ, ಕೂದಲು ಒಣಗಿಸುವ ಡ್ರೈಯರಿನಿಂದ ಬಿಸಿ ಮಾಡಿದಾಗ ರೋಧ ಏರುತ್ತಾ ಹೋಗಿ ಒಮ್ಮೆಲೇ ಓಎಲ್ ಆಯಿತು. ಘಾಟಿಗೆ ಹೋಗಲಾಗದವರಿಗೆ ಇದೇ ಒಳ್ಳೆಯ ಪರೀಕ್ಷೆ.

ಹಾಲ್ ಸೆನ್ಸರ್ ಇರುವ ಹೊಸ ಗಾಡಿಗಳಿಗೆ ನನ್ನ ಓಮ್ ಅಳತೆಗಳು ಅನ್ವಯಿಸುವುದಿಲ್ಲ. ಅದರೊಳಗೆ ಕಾಯಿಲ್ ಬದಲು ಎಲೆಕ್ಟ್ರಾನಿಕ್ ಚಿಪ್ ಇರುವುದರಿಂದ ಓಮ್ ಮೀಟರ್ ಏನು ತೋರಿಸಿದರೂ ಅರ್ಥವಿಲ್ಲ, ಕೆಲವೊಮ್ಮೆ ಚಿಪ್ಪಿಗೇ ಹಾನಿಯಾಗಬಹುದು. ಅಲ್ಲಿ ಮೊದಲು ಕನೆಕ್ಟರಿಗೆ 5 ಅಥವಾ 12 ವೋಲ್ಟ್ ಮತ್ತು ಅರ್ಥ್ ಬರುತ್ತಿದೆಯೇ ಎಂದು ನೋಡಬೇಕು. ಬರುತ್ತಿದ್ದರೆ ಕನೆಕ್ಟರನ್ನು ಹಾಕಿ, ಸಿಗ್ನಲ್ ತಂತಿಗೆ ಹಿಂದಿನಿಂದ ಪ್ರೋಬ್ ತಾಗಿಸಿ, ಎಂಜಿನ್ನನ್ನು ಕೈಯಿಂದ ನಿಧಾನವಾಗಿ ತಿರುಗಿಸುತ್ತಾ ಡಿಸಿ ವೋಲ್ಟೇಜ್ ಸೊನ್ನೆಯ ಹತ್ತಿರಕ್ಕೂ ಮೇಲಕ್ಕೂ ಜಿಗಿಯುತ್ತಿದೆಯೇ ಎಂದು ನೋಡಬೇಕು. ತಣ್ಣಗಿರುವಾಗ ಜಿಗಿದು ಬಿಸಿಯಲ್ಲಿ ಒಂದೇ ಕಡೆ ನಿಂತರೆ, ವಿದ್ಯುತ್ ಮತ್ತು ಅರ್ಥ್ ಆ ಗಳಿಗೆಯಲ್ಲೂ ಇರುವುದನ್ನು ಖಚಿತಪಡಿಸಿಕೊಂಡ ಮೇಲೆ ಸೆನ್ಸರ್ ಕೊಳ್ಳಲು ಹೋಗಬಹುದು.